ಒಂದು ಸಾಲಿನ ನಿರ್ಣಯ ಓದಿದ ನೀಲಗಂಗಮ್ಮ

ನೀಲಗಂಗಮ್ಮ ನಮ್ಮ ಪಕ್ಕದ ಮನೆಯವಳು. ಹುಟ್ಟಿದ್ದು ದುದ್ದದಲ್ಲಿ, ಕೊಟ್ಟಿದ್ದು ಕೊಣನೂರಿಗೆ. ಗಂಡ ಸಿದ್ದೇಶ್ವರನಿಗೆ ಸಂತೆ ಮಾಳದ ಎದುರಿಗೆ ಸಣ್ಣ ಹೋಟೆಲು. ದಿನಾ ಇಡ್ಲಿ, ಚಿತ್ರಾನ್ನ. ಸಂತೆ ದಿನ ಮಾತ್ರ ಮುದ್ದೆ ಊಟ. ಹಿಟ್ಟು ರುಬ್ಬುವುದು, ಮುದ್ದೆ ತಿರುವುವುದು ಅವಳು. ಗಲ್ಲಾದ ಮುಂದೆ ಕೂರುವುದು ಅವನು.

ಅವಳು ಪಕ್ಷಕ್ಕೆ ಸೇರಿದ್ದು ತಾನಾಗಿ ಅಲ್ಲ. ಒಂದು ಚುನಾವಣೆಯಲ್ಲಿ ಯಾರೋ ದೊಡ್ಡ ಮುಖಂಡರು ಕಾಫಿ ಕುಡಿಯಲು ಅವರ ಹೋಟೆಲಿನ ಮುಂದೆ ಕಾರಿಳಿದರು. ಜೊತೆಗಿದ್ದವರು, ಒಬ್ಬಳಾದರೂ ಹೆಂಗಸು ಆರತಿ ಎತ್ತಬೇಕಲ್ಲ ಎಂದು ಹುಡುಕಿದರು. ಇವಳು ಒಲೆ ಮುಂದಿನಿಂದ ಎದ್ದು ಬಂದು ಆರತಿ ಎತ್ತಿದಳು. ಹಾಗೆ ಬೂತ್ ಸಮಿತಿಗೆ ಸದಸ್ಯೆಯಾದಳು. ಇಷ್ಟವೋ ಇಲ್ಲವೋ ಎಂದು ಯಾರೂ ಕೇಳಲಿಲ್ಲ. ಪಕ್ಷದ ಹೆಸರು ನಾನು ಬರೆಯುವುದಿಲ್ಲ. ಬರೆದರೆ ಆ ಕಡೆಯ ಪಕ್ಷದವರು ನಗುತ್ತಾರೆ, ಅವರಲ್ಲಿ ಇದಕ್ಕಿಂತ ಮೇಲೇನೂ ಇಲ್ಲ. ಎರಡೂ ದೆಲ್ಲಿಯಿಂದ ನಡೆಯುವ ಪಕ್ಷಗಳೇ.

ಆ ಪಕ್ಷದಲ್ಲಿ ಬೂತಿಗೊಂದು ಸಮಿತಿ, ಊರಿಗೊಂದು, ಅದರ ಮೇಲೆ ನಮ್ಮ ಅರಕಲಗೂಡು ತಾಲೂಕಿಗೊಂದು ಬ್ಲಾಕ್, ಅದರ ಮೇಲೆ ಜಿಲ್ಲೆ, ಆಮೇಲೆ ಬೆಂಗಳೂರು, ಕೊನೆಗೆ ದೆಲ್ಲಿ. ಒಂದು ಸಲ ಹೊಳೆನರಸೀಪುರದ ಸಭೆಗೆ ಅವಳು ನಮ್ಮನ್ನೆಲ್ಲ ಕರೆದುಕೊಂಡು ಹೋಗಿದ್ದಳು. ಬಂದ ಗಂಡಸರೆಲ್ಲ ಉಪಾಧ್ಯಕ್ಷರು, ಕಾರ್ಯದರ್ಶಿಗಳು, ಸಂಚಾಲಕರು. ವೇದಿಕೆಯ ಮೇಲೆ ಕುರ್ಚಿ ಸಾಲದೆ ಕೆಳಗಿನ ಕುರ್ಚಿಗಳನ್ನೂ ಮೇಲಕ್ಕೆ ಸಾಗಿಸಿದರು. ಭಾಷಣ ಕೇಳಲು ಕೆಳಗೆ ಉಳಿದವರು ಕಳಶ ಹೊತ್ತ ಹೆಂಗಸರು ನಾವು, ನೆಲದ ಮೇಲೆ. ಇಷ್ಟಾದರೂ ಅವಳಿಗೆ ಆ ಪಕ್ಷದ ಮೇಲೆ ನಂಬಿಕೆ ಇತ್ತು.

ಅವಳಿಗೆ ಬೇಕಾಗಿದ್ದು ಒಂದೇ. ನಮ್ಮ ಸಂತೆಗೆ ಮಾರಲು ಬರುವ ಹೆಂಗಸರಿಗೆ ಕಾಲುಮಡಿಯಲು ಒಂದು ಜಾಗ. ಗಂಡಸರು ಯಾವುದೋ ಗೋಡೆಗೆ ಹೋಗುತ್ತಾರೆ. ಹೊಳೆಯಾಚೆಯಿಂದ ಸೊಪ್ಪು ತರುವ ಪಾರ್ವತಮ್ಮ ಸಂತೆ ದಿನ ಬೆಳಗಿನಿಂದ ಒಂದು ಗುಟುಕು ನೀರು ಕುಡಿಯುತ್ತಿರಲಿಲ್ಲ. ಬೇಸಿಗೆಯಲ್ಲಿ ಒಂದು ದಿನ ತಕ್ಕಡಿ ಹಿಡಿದಂತೆಯೇ ಉರುಳಿಬಿದ್ದಳು. ಎತ್ತಿ ಹೋಟೆಲಿಗೆ ತಂದು ನೀರು ಕೊಟ್ಟರೆ ಬಾಯಿ ಬಿಗಿಹಿಡಿದು, "ಬ್ಯಾಡ ಕಣವ್ವ, ಕುಡುದ್ರೆ ಎಲ್ಲಿಗೋಗ್ಲಿ?" ಎಂದಳು. ನೀಲಗಂಗಮ್ಮ ಪಂಚಾಯಿತಿಗೆ ಹೋದಳು, ತಾಲೂಕು ಕಚೇರಿಗೆ ಹೋದಳು. ಎಲ್ಲ ಕಡೆ ಒಂದೇ ಮಾತು: ನಿಮ್ಮ ಬ್ಲಾಕ್ ಅಧ್ಯಕ್ಷರ ಬಾಯಲ್ಲಿ ಹೇಳಿಸಿ, ಆಗುತ್ತೆ. ಬ್ಲಾಕ್ ಅಧ್ಯಕ್ಷರಾಗಿದ್ದವರು ಆಗಷ್ಟೇ ತೀರಿಕೊಂಡಿದ್ದರು. ಹಾಗಾದರೆ ನಾನೇ ಆಗುತ್ತೇನೆ ಎಂದು ಇವಳು ನಿಂತಳು.

ಓಟು ಹಾಕುವವರು ಬ್ಲಾಕಿನ ಸದಸ್ಯರು. ಬಸ್ಸು ಹತ್ತಿ, ಇಳಿದು, ಒಬ್ಬೊಬ್ಬರ ಮನೆಗೂ ಹೋಗಿ ಕೇಳಿದಳು. ನಮ್ಮ ಹೋಬಳಿಯ ಪುಟ್ಟಸ್ವಾಮಿ ಹಳೆಯ ಸದಸ್ಯ, ಒರಟು ಬಾಯಿ. ಅವನೂ ಜೊತೆಗೆ ತಿರುಗಿದ. ಹೆಚ್ಚು ಜನ ಆಗಲಿ ಎಂದರು. ಓಟು ನಡೆದಿದ್ದರೆ ಅವಳೇ ಗೆಲ್ಲುತ್ತಿದ್ದಳು.

ಚುನಾವಣೆ ಹಾಸನದಲ್ಲಿ, ಒಂದು ಕಲ್ಯಾಣ ಮಂಟಪದಲ್ಲಿ. ದೆಲ್ಲಿಯಿಂದ ವೀಕ್ಷಕರು ಎಂಬ ಒಬ್ಬರು ಬಂದಿದ್ದರು. ಜಿಲ್ಲಾಧ್ಯಕ್ಷ ಅನಿಲ್‌ಕುಮಾರ್ ಚನ್ನರಾಯಪಟ್ಟಣದವರು, ಇಸ್ತ್ರಿ ಬಟ್ಟೆ, ನಗುಮುಖ. ಸಭೆಗೆ ಮೊದಲು ಅವರು ಇವಳನ್ನು ಕಂಬದ ಮರೆಗೆ ಕರೆದರು. ಜೊತೆಗೆ ಹೋಗಿದ್ದ ನಾನು ಪಕ್ಕದಲ್ಲೇ ಇದ್ದೆ.

"ನೀಲಗಂಗಮ್ಮೋರೇ, ಇವತ್ತು ನಿಮಗೊಂದು ಗೌರವ. ನಿರ್ಣಯ ನೀವೇ ಮಂಡಿಸ್ಬೇಕು."

"ಯಾವ ನಿರ್ಣಯ ಸಾ?"

"ಒಂದೇ ಸಾಲು. ಎಣ್ಮಗಳು ಮೈಕಲ್ಲಿ ಓದುದ್ರೆ ಡೆಲ್ಲೀಲಿ ನಿಮ್ಮೆಸ್ರು ಗೊತ್ತಾಯ್ತದೆ."

ಅವಳ ಮುಖ ಅರಳಿತು. ಕೊಟ್ಟ ಚೀಟಿಯನ್ನು ಮೂಲೆಯಲ್ಲಿ ನಿಂತು ನನಗೆ ಓದಿ ತೋರಿಸಿದಳು. "ಅರಕಲಗೂಡು ಬ್ಲಾಕ್ ಅಧ್ಯಕ್ಷರನ್ನು ಆಯ್ಕೆ ಮಾಡುವ ಸಂಪೂರ್ಣ ಅಧಿಕಾರವನ್ನು ಪಕ್ಷದ ಹೈಕಮಾಂಡಿಗೆ ಬಿಟ್ಟುಕೊಡಲು ಈ ಸಭೆ ಸರ್ವಾನುಮತದಿಂದ ತೀರ್ಮಾನಿಸುತ್ತದೆ."

"ಅಂಗಾದ್ರೆ ಓಟು?" ಎಂದೆ.

"ಓಟು ಆಮೇಲೆ ಕಣಕ್ಕ. ಇದು ಮೊದ್ಲು ಗಣಪತಿಗೆ ಗರಿಕೆ ಇಟ್ಟಂಗೆ. ಎಲ್ಲಾ ಸಭೇಲೂ ಮೇಲ್ನೋರ ಎಸ್ರು ಯೋಳಿ ಕೈ ಎತ್ತಿಸ್ತಾರೆ, ನೀನೂ ನೋಡಿಲ್ವಾ?"

ನೋಡಿದ್ದೆ. ಪ್ರತಿ ಸಭೆಯಲ್ಲೂ ಯಾವುದೋ ನಿರ್ಣಯ ಓದುತ್ತಿದ್ದರು, ಎಲ್ಲರೂ ಕೈ ಎತ್ತುತ್ತಿದ್ದರು, ಏನೂ ಆಗುತ್ತಿರಲಿಲ್ಲ. ನಾನೂ ಹೂಂ ಎಂದೆ.

ಅವಳು ಸೆರಗು ಹೊದ್ದುಕೊಂಡು, ಒಂದು ಅಕ್ಷರ ತಪ್ಪದೆ ಓದಿದಳು. ಓದಿದವಳು ಅವಳಾದ್ದರಿಂದ ಅವಳ ಕಡೆಯವರೇ ಮೊದಲು ಕೈಯೆತ್ತಿದರು. ಪುಟ್ಟಸ್ವಾಮಿಯಂತೂ ಎರಡೂ ಕೈ ಎತ್ತಿದ್ದ. ಚಪ್ಪಾಳೆ ಬಿತ್ತು. ಅನಿಲ್‌ಕುಮಾರ್ ಮೈಕು ತೆಗೆದುಕೊಂಡು, "ಸರ್ವಾನುಮತ! ಅಲ್ಲಿಗೆ ಚುನಾವಣೆ ಅಗತ್ಯ ಇಲ್ಲ. ಈಗ ವೀಕ್ಷಕರು ಒಬ್ಬೊಬ್ಬರ ಅಭಿಪ್ರಾಯ ಗುಟ್ಟಾಗಿ ಕೇಳ್ತಾರೆ, ಮಿಕ್ಕೋರು ಊಟಕ್ಕೆ ಏಳಿ" ಎಂದರು.

ಪುಟ್ಟಸ್ವಾಮಿಯ ಕೈ ಇನ್ನೂ ಮೇಲೆಯೇ ಇತ್ತು. "ಲೇ, ಇದೇನ್ಲಾ ಇದು?" ಎಂದು ಪಕ್ಕದವನನ್ನು ಕೇಳಿದ. ಪಕ್ಕದವನು ಆಗಲೇ ಎಲೆ ಹಿಡಿಯಲು ಓಡಿದ್ದ.

ಗುಟ್ಟಿನ ಕೋಣೆಯ ಹೊಸಿಲಲ್ಲಿ ನಾನು ನಿಂತಿದ್ದೆ. ವೀಕ್ಷಕರಿಗೆ ಕನ್ನಡ ಬಾರದು. ಸದಸ್ಯರು ಆಡಿದ್ದನ್ನು ಹಿಂದಿಯಲ್ಲಿ ಹೇಳಲು ಪಕ್ಕದಲ್ಲಿ ಕೂತಿದ್ದವರು ಯಾರು? ಅದೇ ಅನಿಲ್‌ಕುಮಾರ್. ಜಿಲ್ಲಾಧ್ಯಕ್ಷರ ಮೇಲೆ ದೂರಿದ್ದರೂ ಜಿಲ್ಲಾಧ್ಯಕ್ಷರ ಬಾಯಿಂದಲೇ ಹೋಗಬೇಕು. ನೀಲಗಂಗಮ್ಮ ಪಾರ್ವತಮ್ಮ ಬಿದ್ದದ್ದು, ಸಂತೆಯ ಹೆಂಗಸರ ಪಾಡು, ತಾನು ಓಟು ಕೇಳಿ ಬಂದದ್ದು, ಎಲ್ಲ ನಿಧಾನವಾಗಿ ಹೇಳಿದಳು. ಜಿಲ್ಲಾಧ್ಯಕ್ಷರು ಅದನ್ನು ಹಿಂದಿಯ ಎರಡು ಮಾತಿನಲ್ಲಿ ಮುಗಿಸಿದರು. ವೀಕ್ಷಕರು "ಅಚ್ಛಾ, ಅಚ್ಛಾ" ಎಂದು ಕೈ ಮುಗಿದರು.

"ನಾನು ಅಷ್ಟುದ್ದ ಯೋಳ್ದೆ, ನೀವು ಇಷ್ಟೇ ಯೋಳುದ್ರಲ್ಲ ಸಾ?"

"ಹಿಂದೀಲಿ ಚಿಕ್ಕದಾಗೇ ಬತ್ತದೆ ಕಣಮ್ಮ."

ಮಳೆಗಾಲ ಕಳೆಯುವುದರೊಳಗೆ ಹೆಸರು ಬಂತು: ಆಶಾರಾಣಿ. ಅರಕಲಗೂಡಿನವಳು, ಗಂಡನಿಗೆ ಜಲ್ಲಿ ಕ್ರಷರ್ ಇದೆ. ಹೋದ ಯುಗಾದಿಯವರೆಗೆ ಆ ಕಡೆಯ ಪಕ್ಷದಲ್ಲಿದ್ದಳು. ಹಬ್ಬದ ಬೇವು ಬಾಯಲ್ಲಿರುವಾಗಲೇ ಶಾಲು ಬದಲಾಯಿಸಿದಳು. ಬ್ಲಾಕಿನ ಸದಸ್ಯರಲ್ಲಿ ಅರ್ಧಕ್ಕರ್ಧ ಜನ ಅವಳ ಮುಖ ನೋಡಿರಲಿಲ್ಲ.

ನೀಲಗಂಗಮ್ಮ, ಪುಟ್ಟಸ್ವಾಮಿ, ನಾನು ಚನ್ನರಾಯಪಟ್ಟಣಕ್ಕೆ ಹೋದೆವು. ಅನಿಲ್‌ಕುಮಾರ್ ಒಳ್ಳೆಯ ಕಾಫಿಯನ್ನೇ ಕೊಟ್ಟರು.

"ನಾನೇನು ಮಾಡ್ಲಮ್ಮ? ಅಧಿಕಾರ ಹೈಕಮಾಂಡಿಗೆ ಬಿಡಿ ಅಂದೋರು ನೀವೇ ತಾನೆ. ಎಲ್ಲರೆದುರಿಗೇ ಮೈಕಲ್ಲಿ ಯೋಳಿದೀರಿ."

ಅವಳು ಲೋಟ ಕೆಳಗಿಟ್ಟಳು. ಪುಟ್ಟಸ್ವಾಮಿ ಕೇಳಿದ, "ಯಾರು ಸಾ ಆ ಹೈಕಮಾಂಡು? ಬೆಂಗಳೂರ್ಗೆ ಫೋನ್ ಮಾಡ್ದೆ, ಡೆಲ್ಲಿ ಅಂದ್ರು. ಡೆಲ್ಲಿ ಕಡೆಯೋರ್ನ ಕೇಳುದ್ರೆ, ನಿಮ್ ಜಿಲ್ಲೆಯಿಂದ್ಲೇ ಒಂದೆಸ್ರು ಬಂತು, ಒಪ್ಪಿದೋ ಅಂದ್ರು. ಇಲ್ಲಿಂದ ಕಳ್ಸಿದೋರು ಯಾರು?"

"ಅದು ಪಕ್ಷದ ಆಂತರಿಕ ವಿಚಾರ."

"ನಾವು ಒರಗ್ನೋರಾ?"

ಅನಿಲ್‌ಕುಮಾರ್ ನಕ್ಕರು. "ನೀಲಗಂಗಮ್ಮೋರ್ನ ಕೈಬಿಡ್ತೀವಾ? ಜಿಲ್ಲಾ ಸಮಿತಿಗೆ ವಿಶೇಷ ಆಹ್ವಾನಿತೆ ಮಾಡಿದೀನಿ."

"ಅಂದ್ರೆ ಏನ್ ಕೆಲ್ಸ ಸಾ?" ಎಂದಳು ಇವಳು.

"ಕರೆದಾಗ ಬರೋದು."

"ಅದ್ನ ಈಗ್ಲೂ ಮಾಡ್ತವ್ಳಲ್ಲ!" ಎಂದ ಪುಟ್ಟಸ್ವಾಮಿ.

ನನಗೆ ಮದುವೆ ಊಟದ ನೆನಪಾಯಿತು. ಪಂಕ್ತಿಯಲ್ಲಿ ಎಲ್ಲರೂ ಉಂಡು, ಎಲೆ ಎತ್ತುವ ಹೊತ್ತಿಗೆ ಒಬ್ಬರು ಇನ್ನೊಬ್ಬರ ಕಡೆ ಬೆರಳು ತೋರಿಸಿ ಎದ್ದುಹೋಗುತ್ತಾರೆ. ಎಂಜಲೆಲೆ ಮಾತ್ರ ಅಲ್ಲೇ, ನೊಣ ಮುತ್ತಿಕೊಂಡು. ಇವರ ಬೂತು, ಬ್ಲಾಕು, ಜಿಲ್ಲೆ, ದೆಲ್ಲಿ, ಎಲ್ಲ ಆ ಪಂಕ್ತಿಯೇ. ಬಡಿಸಿದ ಕೈ ಯಾವುದೆಂದು ಗೊತ್ತಾಗಬಾರದು, ಅದಕ್ಕೇ ಅಷ್ಟು ಮೆಟ್ಟಿಲು.

ಆಶಾರಾಣಿಯ ಪದಗ್ರಹಣಕ್ಕೆ ಹೆಂಗಸರನ್ನೂ ಕಳಶವನ್ನೂ ತರಬೇಕೆಂದು ಇವಳಿಗೇ ಫೋನು ಬಂತು. ಸಿದ್ದೇಶ್ವರ ಗಲ್ಲಾದಿಂದಲೇ, "ಓಗ್ಬ್ಯಾಡ ಕಣೇ. ಮಾನ ಮರ್ವಾದೆ ಇಲ್ವಾ ನಿಂಗೆ?" ಎಂದ.

"ಇನ್ಮೇಲೆ ಅಪೀಸ್ನೋರು ಅವಳ ಮಾತ್ನೇ ಕೇಳೋದು ಕಣ್ರೀ. ಆರತಿ ಎತ್ತಿ ಕೇಳುದ್ರೆ ಕಕ್ಕಸ್ ಆದ್ರೂ ಆಯ್ತದೇನೋ."

ಹೋದಳು, ನಮ್ಮನ್ನೂ ಕರೆದುಕೊಂಡು. ತನಗೆ ಬರಬೇಕಾಗಿದ್ದ ಕುರ್ಚಿಯಲ್ಲಿ ಕೂತವಳಿಗೆ ತಾನೇ ಕುಂಕುಮ ಇಟ್ಟು ಆರತಿ ಎತ್ತಿದಳು. ತಟ್ಟೆ ಕೆಳಗಿಡುವ ಮೊದಲು ಸಂತೆಯ ಹೆಂಗಸರ ವಿಷಯ ಎತ್ತಿದಳು. ಆಶಾರಾಣಿ ಕ್ಯಾಮೆರಾದ ಕಡೆ ನೋಡುತ್ತಲೇ, "ಮೇಲಿನವರ ಗಮನಕ್ಕೆ ತರ್ತೀನಮ್ಮ" ಎಂದಳು. ಆಮೇಲೆ ಅವಳ ಫೋನೂ ಸಿಗಲಿಲ್ಲ, ಅವಳೂ ಸಿಗಲಿಲ್ಲ.

ನೀಲಗಂಗಮ್ಮ ಇನ್ನು ಕಾಯಲಿಲ್ಲ. ಹೋಟೆಲಿನ ಹಿಂದೆ ಅವರ ಮನೆಯದೇ ಕಕ್ಕಸು, ಬಚ್ಚಲು ಇತ್ತು. ಓಣಿ ಕಡೆಯ ಗೋಡೆ ಒಡೆಸಿ ಬಾಗಿಲಿಡಿಸಿದಳು. ಸಂತೆ ದಿನ ಹೆಂಗಸರು ನೇರ ಬಂದು ಹೋಗಬಹುದು. ಬಾಗಿಲಿಟ್ಟ ಮೇಲಿನ ಮೊದಲ ಸಂತೆಗೆ ಪಾರ್ವತಮ್ಮ ಹೋಟೆಲಿನಲ್ಲಿ ಕೂತು ಚೊಂಬು ತುಂಬ ನೀರು ಕುಡಿದಳು. ಕೆಲಸ ಮಾತ್ರ ನೀಲಗಂಗಮ್ಮನಿಗೆ ಇಮ್ಮಡಿಯಾಯಿತು. ಮುದ್ದೆ ತಿರುವುವುದರ ನಡುವೆ ಓಡಿಹೋಗಿ ತೊಟ್ಟಿಗೆ ನೀರು ಬಿಡಬೇಕು, ಸಂಜೆ ಫಿನಾಯಿಲ್ ಹಾಕಿ ತೊಳೆಯಬೇಕು.

ಸುದ್ದಿ ಹೇಗೋ ಅರಕಲಗೂಡಿಗೆ ಮುಟ್ಟಿತು. ಒಂದು ಸಂತೆಗೆ ಆಶಾರಾಣಿ ಕಾರಿನಲ್ಲಿ ಬಂದಿಳಿದಳು, ಹಿಂದೆ ನಾಲ್ಕಾರು ಶಾಲುಗಳು. ಬಚ್ಚಲ ಬಾಗಿಲ ಮೇಲೆ ಫ್ಲೆಕ್ಸು ಕಟ್ಟಿದರು. ಮೇಲೆ ದೆಲ್ಲಿಯವರ ಮುಖ, ಕೆಳಗೆ ಅನಿಲ್‌ಕುಮಾರ್, ನಡುವೆ ಅವಳು. ಪಕ್ಷದ ವತಿಯಿಂದ ಮಹಿಳೆಯರಿಗೆ ಕೊಡುಗೆ ಎಂದು ಬರೆದಿತ್ತು. ಇದರ ಫೋಟೋ ಮೇಲಕ್ಕೆ ಕಳಿಸಬೇಕಂತೆ. ಬಾಗಿಲಿಗೆ ಅಡ್ಡವಾಗಿ ಎಲ್ಲರೂ ನಿಂತು, ಫೋನಿನವನು "ಇನ್ನೊಂದ್ ಸಲ, ಇನ್ನೊಂದ್ ಸಲ" ಎನ್ನುತ್ತಿದ್ದ. ಒಳಗೆ ಹೋಗಬೇಕಾದವರು ಓಣಿಯಲ್ಲಿ ಕಾಲು ಜೋಡಿಸಿಕೊಂಡು ನಿಂತಿದ್ದರು.

ಪಾರ್ವತಮ್ಮ ತಡೆಯಲಾರದೆ, "ದಾರಿ ಬಿಡ್ರಪ್ಪೋ, ಇಲ್ದಿದ್ರೆ ನಿಮ್ಮ ಮುಂದೇನೇ ಕುಂತ್ಕೊಂಬುಡ್ತೀನಿ!" ಎಂದು ಕೂಗಿ, ಶಾಲಿನವರನ್ನು ಮೊಣಕೈಯಲ್ಲಿ ನೂಕಿ ಒಳಗೆ ಹೋದಳು. ಹೆಂಗಸರೆಲ್ಲ ನಕ್ಕುಬಿಟ್ಟರು. ಆಶಾರಾಣಿ ಸೆರಗಿನಿಂದ ಮೂಗು ಮುಚ್ಚಿಕೊಂಡಳು.

ನೀಲಗಂಗಮ್ಮ ಹಿಟ್ಟಿನ ಕೈಯಲ್ಲೇ ಬಂದು ನೋಡಿದಳು. ಫ್ಲೆಕ್ಸಿನ ದಾರ ಬಿಚ್ಚಿ, ಮಡಿಸಿ, ಆಶಾರಾಣಿಯ ಕೈಗೆ ಕೊಟ್ಟಳು.

"ಇದೇನಮ್ಮ, ಪಕ್ಷದವಳಾಗಿ ನೀನೇ ಇಂಗೆ ಮಾಡೋದಾ?" ಎಂದ ಒಬ್ಬ ಶಾಲಿನವನು.

"ನಾನು ಯಾವ ಪಕ್ಷದೋಳೂ ಅಲ್ಲ ಕಣಪ್ಪ ಇವತ್ತಿಂದ. ಬಾಗ್ಲು ಬಿಡಿ, ಪಾಪ ಅವ್ರು ಎಷ್ಟೊತ್ತಿಂದ ನಿಂತವ್ರೆ."

ಕಾರು ಹೋಯಿತು. ಒಳಗಿನಿಂದ ಸಿದ್ದೇಶ್ವರ, "ಮುದ್ದೆ ತಳ ಇಡೀತಾ ಅದೆ, ಬಾ" ಎಂದು ಕೂಗಿದ. ಅವಳು ತೊಟ್ಟಿಗೆ ನೀರು ಬಿಟ್ಟು ಒಲೆಯ ಹತ್ತಿರ ಹೋದಳು.