ಮುಗಿಯದ ಲೂಡೋ

ರಾಜಮತಿಗೆ ದೊಡ್ಡ ದೊಡ್ಡ ಆಸೆಗಳೇನೂ ಇರಲಿಲ್ಲ. ಒಂದೇ ಒಂದು ಲೂಡೋ ಆಟವನ್ನು ಮೊದಲಿನಿಂದ ಕೊನೆಯವರೆಗೆ ಆಡಿ ಮುಗಿಸಬೇಕು, ಅಷ್ಟೇ. ೧೯೮೮ರ ದೀಪಾವಳಿಯಲ್ಲಿ ಹುಟ್ಟಿದ ಈ ಆಸೆ ಎರಡು ವರ್ಷಕ್ಕೂ ಹೆಚ್ಚು ಕಾಲ ಅವಳ ತಲೆ ತಿಂದಿತು.

ಅವಳು ಕಾಗವಾಡದ ಜೈನ ರೈತರ ಮನೆಯ ಮಗಳು. ಮದುವೆಯಾಗಿ ಹಾರೂಗೇರಿಗೆ ಬಂದು ಹದಿನೈದು ವರ್ಷವಾಗಿತ್ತು. ಗಂಡ ಉತ್ತಮನದು ಬಸ್‌ಸ್ಟ್ಯಾಂಡಿನ ಹತ್ತಿರ ಗೊಬ್ಬರ ಮತ್ತು ಬೀಜದ ಅಂಗಡಿ. ಮಕ್ಕಳಿಬ್ಬರೂ ಶಾಲೆಗೆ ಹೋಗುತ್ತಿದ್ದರು. ರಾಜಮತಿ ಪಡಸಾಲೆಯಲ್ಲಿ ಮಶಿನ್ ಇಟ್ಟುಕೊಂಡು ಓಣಿಯ ಹೆಂಗಸರ ಜಂಪರು ಹೊಲಿಯುತ್ತಿದ್ದಳು. ಹೊಲಿಗೆ ನೇರ, ಮಾತೂ ನೇರ. ಯಾರಾದರೂ ಅಳತೆಯ ಜಂಪರು ತರದೆ ಬಂದರೆ ವಾಪಸು ಕಳಿಸುತ್ತಿದ್ದಳು.

ಆ ದೀಪಾವಳಿಗೆ ಅವಳು ಇಚಲಕರಂಜಿಯಲ್ಲಿದ್ದ ಅಕ್ಕನ ಮನೆಗೆ ಹೋಗಿದ್ದಳು. ಅಲ್ಲಿ ಗುರುವಾರ ಮಧ್ಯಾಹ್ನ ಅಕ್ಕನ ಮೂವರು ಗೆಳತಿಯರು ಬಂದು ಲೂಡೋ ಹಾಸಿ ಕೂತರು. ಎರಡು ತಾಸು ಆಡಿದರು, ನಕ್ಕರು, ಚಹಾ ಕುಡಿದರು, ಎದ್ದು ಹೋದರು. ವಾರಕ್ಕೊಮ್ಮೆ ಒಬ್ಬೊಬ್ಬರ ಮನೆಯಲ್ಲಿ ಹೀಗೆ ನಡೆಯುತ್ತದೆ ಎಂದು ಅಕ್ಕ ಹೇಳಿದಳು. ಆ ಎರಡು ತಾಸಿನಲ್ಲಿ ಯಾರೂ ಯಾರಿಗೂ ಒಂದು ತಂಬಿಗೆ ನೀರು ತಾ ಎಂದು ಹೇಳಲಿಲ್ಲ ಎನ್ನುವುದೇ ರಾಜಮತಿಗೆ ದೊಡ್ಡ ವಿಸ್ಮಯವಾಯಿತು. ಬರುವಾಗ ಪೇಟೆಯಲ್ಲಿ ಒಂದು ಲೂಡೋ ಪೆಟ್ಟಿಗೆ ಕೊಂಡು, ಸೀರೆಗಳ ನಡುವೆ ಇಟ್ಟುಕೊಂಡು ಬಂದಳು.

ಮೊದಲು ತಡೆದವರು ಅತ್ತೆ ಲಕ್ಷ್ಮಿಬಾಯಿ. ಪೆಟ್ಟಿಗೆಯೊಳಗಿನ ದಾಳ ನೋಡಿದ್ದೇ ಅವರು ಕೈ ಹಿಂದೆ ತೆಗೆದರು.

"ಇದು ಜೂಜಲ್ಲೇನ? ಸಪ್ತ ವ್ಯಸನದಾಗ ಮೊದಲನೇದು ಇದ ಐತಿ."

"ಪಣ ಏನೂ ಇಲ್ರಿ ಅತ್ತಿ. ಸುಮ್ಮನ ಆಡೂದು."

"ಗೆದ್ದಾಕಿಗೆ ಏನ ಸಿಗತೈತಿ?"

"ಏನೂ ಸಿಗೂದಿಲ್ರಿ."

"ಮತ್ತ ಯಾಕ ಆಡ್ತೀರಿ?"

ರಾಜಮತಿ ದಾಳವನ್ನು ಪೆಟ್ಟಿಗೆಗೆ ಹಾಕಿ ಮುಚ್ಚಿದಳು. ಲಕ್ಷ್ಮಿಬಾಯಿ ಬಸದಿಯ ಪಂಡಿತರನ್ನು ಕೇಳಿಕೊಂಡು ಬಂದರು. ಪಣವಿಲ್ಲದಿದ್ದರೆ ದೋಷವಿಲ್ಲ, ಆದರೆ ಹೊತ್ತು ಹಾಳು ಎಂದರಂತೆ ಅವರು. ಕೊನೆಗೆ ಅಷ್ಟಮಿ, ಚತುರ್ದಶಿಗೆ ಆಡಬಾರದು, ಹೊತ್ತು ಮುಳುಗುವ ಮೊದಲು ಊಟ ಆಗಬೇಕಾದ್ದರಿಂದ ನಾಲ್ಕಕ್ಕೆ ಏಳಬೇಕು ಎಂಬ ಕರಾರಿನ ಮೇಲೆ ಒಪ್ಪಿದರು.

ಇನ್ನು ಮೂವರು ಬೇಕಿತ್ತು. ಎದುರುಮನೆಯ ಕಸ್ತೂರೆವ್ವ ಕೂಡಲೇ ಹ್ಞೂಂ ಎಂದಳು. ಅವಳದು ಕಬ್ಬಿನ ಹೊಲವಿದ್ದ ಮನೆತನ, ಗಟ್ಟಿ ದನಿ, ಸೋಲು ಎಂದರೆ ಮೈಗೆ ಆಗದು. ಮೂಲೆಮನೆಯಿಂದ ಅತ್ತೆ ಸುಂದ್ರವ್ವ, ಸೊಸೆ ಶಿವಗಂಗವ್ವ ಇಬ್ಬರೂ ಬಂದರು. ಸೊಸೆಯನ್ನು ಒಬ್ಬಳನ್ನೇ ಕಳಿಸಲು ಸುಂದ್ರವ್ವನಿಗೆ ಮನಸ್ಸಿರಲಿಲ್ಲ; ಅತ್ತೆಯನ್ನು ಬಿಟ್ಟು ಬರಲು ಶಿವಗಂಗವ್ವನಿಗೆ ಧೈರ್ಯವಿರಲಿಲ್ಲ.

ಗುರುವಾರ ಎರಡು ಗಂಟೆಗೆ ಎಂದು ಹೇಳಿದ್ದಕ್ಕೆ ಒಬ್ಬಳು ಎರಡೂವರೆಗೆ ಬಂದಳು, ಉಳಿದವರು ಮೂರಕ್ಕೆ ಬಂದರು. ಆಟ ಕಾವೇರುವಷ್ಟರಲ್ಲಿ ನಳದಲ್ಲಿ ನೀರು ಬಂತು. ಕೊಡ ಹಿಡಿದು ಎಲ್ಲರೂ ಓಡಿದರು. ಮುಂದಿನ ಗುರುವಾರ ಕಸ್ತೂರೆವ್ವನ ಮನೆಗೆ ಬೀಗರು ಬಂದರು. ಅದರ ಮುಂದಿನ ವಾರ ಅಷ್ಟಮಿ. ನಾಲ್ಕನೇ ವಾರ ಶಿವಗಂಗವ್ವನ ಕೂಸು ಲೂಡೋ ಹಾಸಿನ ಮೇಲೆ ಅಂಬೆಗಾಲಿಟ್ಟು ಬಂದು ಕೆಂಪು, ಹಸಿರು ಎಲ್ಲ ಕಾಯಿಗಳನ್ನು ಕಲಸಿ, ಒಂದನ್ನು ಬಾಯಿಗೆ ಹಾಕಿಕೊಂಡಿತು. ಯಾರ ಕಾಯಿ ಎಲ್ಲಿತ್ತು ಎಂದು ನೆನಪು ಮಾಡಿಕೊಳ್ಳುವುದರಲ್ಲೇ ನಾಲ್ಕು ಹೊಡೆಯಿತು.

ಆಡಿದಷ್ಟು ಹೊತ್ತಾದರೂ ನೆಟ್ಟಗೆ ಆಡುತ್ತಿದ್ದರೇ? ಕಸ್ತೂರೆವ್ವ ಎಸೆದ ದಾಳ ಹಾಸಿನಿಂದ ಕೆಳಗೆ ಬಿದ್ದು ಒಂದೋ ಎರಡೋ ತೋರಿಸಿದರೆ "ಕೆಳಗ ಬಿತ್ತು, ಇದು ಹಿಡಿಯಂಗಿಲ್ಲ" ಎನ್ನುತ್ತಿದ್ದಳು. ಆರು ತೋರಿಸಿದರೆ ಕೆಳಗೆ ಬಿದ್ದ ಮಾತೇ ಇರುತ್ತಿರಲಿಲ್ಲ. ಶಿವಗಂಗವ್ವ ಯಾರ ಕಾಯಿಯನ್ನಾದರೂ ಕಡಿಯುವಳು, ಅತ್ತೆಯ ಕಾಯಿ ಮಾತ್ರ ಕಡಿಯಳು. ಎದುರಿಗೇ ಮೂರು ಮನೆ ಆಚೆ ಅದು ಕೂತಿರುತ್ತಿತ್ತು, ದಾಳ ಮೂರನ್ನೇ ತೋರಿಸುತ್ತಿತ್ತು, ಇವಳು ಕಾಣದವರಂತೆ ಬೇರೆ ಕಾಯಿ ನಡೆಸುತ್ತಿದ್ದಳು.

"ಏ ಶಿವಗಂಗಾ, ಕಣ್ಣಿಲ್ಲೇನ ನಿನಗ? ಕಡಿ ಅದನ್ನ" ಎಂದು ರಾಜಮತಿ ಹೇಳಿದರೆ, "ಇರಲಿ ಬಿಡ್ರಿ ವೈನಿ" ಎಂದು ತಲೆ ತಗ್ಗಿಸುತ್ತಿದ್ದಳು.

ಇನ್ನು ಸುಂದ್ರವ್ವ. ಆಕೆಯ ಪಾಳಿ ಬಂತೆಂದರೆ ಒಲೆಯ ಮೇಲಿಟ್ಟ ಬೇಳೆ ಬೆಂದು ಇಳಿಸುವಷ್ಟು ಹೊತ್ತು. ದಾಳವನ್ನು ಎತ್ತಿ ಮೂಗಿನ ಹತ್ತಿರ ಹಿಡಿದು ನೋಡುವರು. ಹಾಸಿನ ಮೇಲೆ ಬಗ್ಗಿ ಒಂದೊಂದೇ ಮನೆ ಬೆರಳಿನಿಂದ ಎಣಿಸುವರು. ಎಣಿಕೆ ತಪ್ಪುವುದು. ಮತ್ತೆ ಮೊದಲಿನಿಂದ. ರಾಜಮತಿ ಹಲ್ಲು ಕಚ್ಚಿ ಮಶಿನಿನ ಕಡೆ ನೋಡುತ್ತ ಕೂರುತ್ತಿದ್ದಳು. ಈ ಹೊತ್ತಿನಲ್ಲಿ ಎರಡು ಜಂಪರಿಗೆ ಗುಂಡಿಯ ಕಾಜು ಮಾಡಬಹುದಿತ್ತು ಎನಿಸುತ್ತಿತ್ತು.

ಒಂದೂವರೆ ವರ್ಷ ಕಳೆದರೂ ಒಂದು ಆಟವೂ ಮುಗಿಯಲಿಲ್ಲ. "ನಿಮ್ಮದು ಎಂಥಾ ಆಟ? ಬಿಟ್ಟುಬಿಡಬಾರದಾ?" ಎಂದು ಉತ್ತಮ ನಕ್ಕ. ಆ ಮಾತಿಗೆ ಅವಳು ಎರಡು ದಿನ ಅವನೊಡನೆ ಸರಿಯಾಗಿ ಮಾತಾಡಲಿಲ್ಲ.

ಬಿಡುವ ಬದಲು ಅವಳು ಯೋಚಿಸಿದಳು. ನಿಂತ ಆಟ ನಿಂತಲ್ಲೇ ಉಳಿಯಬೇಕು. ಎತ್ತಿಟ್ಟರೂ, ಕೂಸು ಎಳೆದರೂ ಕಾಯಿ ಜರುಗಬಾರದು. ಜಂಪರಿಗೆ ಟಿಚ್ ಬಟನ್ ಹಚ್ಚುತ್ತಿದ್ದಾಗ ಒಂದು ದಿನ ಕೈ ತಟ್ಟನೆ ನಿಂತಿತು. ಒಂದು ಕಡೆ ಸಣ್ಣ ಮೊಳೆ, ಇನ್ನೊಂದು ಕಡೆ ಅದು ಕೂಡುವ ಕುಳಿ. ದಪ್ಪ ಬಟ್ಟೆಯ ಮೇಲೆ ಲೂಡೋ ಹೊಲಿದು, ಪ್ರತಿ ಮನೆಗೂ ಒಂದು ಕುಳಿ ಹಚ್ಚಿ, ಕಾಯಿಯ ಅಡಿಗೆ ಮೊಳೆ ಹಚ್ಚಿದರೆ?

ಲೆಕ್ಕ ಹಾಕಿದಳು. ಎಂಬತ್ತೆಂಟು ಕುಳಿ, ಹದಿನಾರು ಮೊಳೆ. ಅಥಣಿಗೆ ಹೋದಾಗ ಹೊಲಿಗೆ ಸಾಮಾನಿನ ಅಂಗಡಿಯಲ್ಲಿ ಬರೀ ಕುಳಿ ಕೇಳಿದಳು.

"ಜೋಡಿ ಒಡೆಯೂದಿಲ್ರಿ ಅಕ್ಕಾರ. ಉಳಿದ ಮೊಳಿ ನಾ ಯಾರಿಗೆ ಮಾರ್ಲಿ?" ಎಂದ ಅಂಗಡಿಯವ.

ಪೂರಾ ಜೋಡಿಗಳನ್ನೇ ತಂದಳು. ಗಿರಾಕಿಗಳ ಕೆಲಸ ಮುಗಿದ ಮೇಲೆ ದಿನಕ್ಕೆ ಐದಾರು ಬಟನ್ ಹಚ್ಚುತ್ತ ಹೋದಳು. ಒಂದೊಂದಕ್ಕೂ ನಾಲ್ಕು ತೂತು, ತೂತಿಗೆ ಮೂರು ಸಲ ಸೂಜಿ. ಕಾಯಿಗಳನ್ನು ಬಣ್ಣಬಣ್ಣದ ಬಟ್ಟೆ ಸುತ್ತಿ ಮಾಡಿದಳು. ಹಸಿರು ತುಂಡು ಸಾಲದೆ ಸುಂದ್ರವ್ವನ ಕಾಯಿಗಳಿಗೆ ಹಳೆಯ ಖಣದ ಒರಟು ಬಟ್ಟೆ ಸುತ್ತಿದಳು. ತಿಂಗಳಾದ ಮೇಲೆ ಹಾಸು ತಯಾರಾಯಿತು. ಮೊದಲ ಗುರುವಾರವೇ ಕಸ್ತೂರೆವ್ವನ ಎರಡು ಕಾಯಿ ಒಂದೇ ಮನೆಗೆ ಬಂದವು. ಇದ್ದ ಕುಳಿ ಒಂದೇ.

"ಈಗ ಇದನ್ನ ಎಲ್ಲಿ ಕುಂಡ್ರಸಲಿ, ನನ್ನ ತಲಿ ಮ್ಯಾಲ?" ಎಂದಳು ಕಸ್ತೂರೆವ್ವ.

ರಾಜಮತಿ ಅಡಿಗೆಮನೆಗೆ ಹೋಗಿ, ಚಹಾ ಕುದಿಯುವವರೆಗೆ ಒಬ್ಬಳೇ ಕಣ್ಣೊರೆಸಿಕೊಂಡಳು. ಮರುದಿನ ಪ್ರತಿ ಕಾಯಿಯ ನೆತ್ತಿಗೂ ಒಂದೊಂದು ಕುಳಿ ಹಚ್ಚಿದಳು. ಕಾಯಿಯ ಮೇಲೆ ಕಾಯಿ ಕೂತಿತು.

ಅಲ್ಲಿಂದ ಮುಂದೆ ನೀರು ಬರಲಿ, ಬೀಗರು ಬರಲಿ, ಹಾಸನ್ನು ಮಡಿಚಿಟ್ಟರೆ ಆಟ ಮುಂದಿನ ವಾರಕ್ಕೆ ಹಾಗೇ ಕಾಯುತ್ತಿತ್ತು. ಆದರೆ ವಾರಕ್ಕೆ ಅರ್ಧ ತಾಸು ಸಿಗುವಷ್ಟರಲ್ಲಿ, ಅದರಲ್ಲೂ ಸುಂದ್ರವ್ವನ ಪಾಳಿಯಲ್ಲೇ ಕಾಲು ತಾಸು ಹೋಗುವಾಗ, ಆಟ ಸಾಗುವುದಾದರೂ ಎಷ್ಟು? ೧೯೯೦ರ ನವರಾತ್ರಿಗೆ ಶುರುವಾದ ಆಟ ಹೊಸ ವರ್ಷ ಬಂದರೂ ಅರ್ಧಕ್ಕಿತ್ತು.

ಒಂದು ಗುರುವಾರ ಸುಂದ್ರವ್ವ ನಾಲ್ಕು ಬಿದ್ದದ್ದನ್ನು ಐದು ಎಂದು ನಡೆಸಿದರು. ಕಸ್ತೂರೆವ್ವ ಬಿಡುವವಳೇ?

"ಸುಂದ್ರಕ್ಕಾ, ಈ ವಯಸ್ಸಿನಾಗ ಮೋಸ ಮಾಡಾಕತ್ತೀರಲ್ರಿ."

"ನಾ ಯಾಕ ಮೋಸ ಮಾಡ್ಲೆವಾ? ಐದ ಐತಲ್ಲ" ಎಂದು ಸುಂದ್ರವ್ವ ದಾಳ ಎತ್ತಿಕೊಂಡು ಕಿಟಕಿಯ ಬೆಳಕಿಗೆ ಹೋದರು. ಅಲ್ಲಿ ನಿಂತು ಹೊರಳಿಸಿ ಹೊರಳಿಸಿ ನೋಡಿದರು. ಕಿಟಕಿಯ ಪಕ್ಕ ಕೂತಿದ್ದ ರಾಜಮತಿಗೆ ಆಗ ಆಕೆಯ ಕಣ್ಣು ಹತ್ತಿರದಿಂದ ಕಂಡಿತು. ಕರಿಗುಡ್ಡೆಯ ನಡುವೆ ನೀರು ಬೆರೆಸಿದ ಹಾಲಿನಂಥ ಬಿಳುಪು.

"ಸುಂದ್ರಕ್ಕಾ, ನಿಮಗ ಕಾಣೂದಿಲ್ಲೇನ್ರಿ?"

"ಮಂಜ ಮಂಜ ಕಾಣತೈತಿ. ವಯಸ್ಸಾತಲ್ಲ."

ಎರಡು ವರ್ಷ ಪ್ರತಿ ಪಾಳಿಗೂ ಹಲ್ಲು ಕಚ್ಚಿಕೊಂಡು ಕೂತಿದ್ದು ನೆನಪಾಗಿ ರಾಜಮತಿಗೆ ತನ್ನ ಮೇಲೇ ಸಿಟ್ಟು ಬಂತು. ಆ ಸಿಟ್ಟನ್ನು ಶಿವಗಂಗವ್ವನ ಮೇಲೆ ತೀರಿಸಿಕೊಂಡಳು. "ಒಂದ ಮನ್ಯಾಗ ಇರ್ತಿ. ಅತ್ತಿ ಕಣ್ಣ ನೋಡಿಲ್ಲೇನ ನೀ?"

"ಅವರ ಮುಖಾ ನೆಟ್ಟಗ ಯಾವಾಗ ನೋಡೇನ್ರಿ ನಾ" ಎಂದಳು ಶಿವಗಂಗವ್ವ.

ಅದೇ ತಿಂಗಳು ಸುಂದ್ರವ್ವನನ್ನು ಮನೆಯವರು ಮಿರಜದ ಆಸ್ಪತ್ರೆಗೆ ಕರೆದೊಯ್ದು ಒಂದು ಕಣ್ಣಿನ ಪೊರೆ, ಮೋತಿಬಿಂದು, ತೆಗೆಸಿದರು. ಶಿವಗಂಗವ್ವ ಕೂಸನ್ನು ತವರಿಗೆ ಬಿಟ್ಟು ಅತ್ತೆಯ ಜೊತೆ ಉಳಿದಳು. ಮೂರನೇ ದಿನ ರಾಜಮತಿ, ಕಸ್ತೂರೆವ್ವ ಕುಡಚಿಗೆ ಹೋಗಿ ರೈಲು ಹಿಡಿದು ನೋಡಲು ಹೋದರು. ಚೀಲದಲ್ಲಿ ಚಪಾತಿ, ಬಾಳೆಹಣ್ಣು. ಹೊರಡುವಾಗ ರಾಜಮತಿ ಮಡಿಚಿದ ಹಾಸನ್ನೂ ಅದರಲ್ಲಿ ತುರುಕಿದ್ದಳು. ಯಾಕೆ ಎಂದು ಕಸ್ತೂರೆವ್ವ ಕೇಳಿದ್ದಕ್ಕೆ "ಸುಮ್ಮನ" ಎಂದಿದ್ದಳು.

ಸುಂದ್ರವ್ವ ಕಣ್ಣಿಗೆ ಬಿಳಿ ಪಟ್ಟಿ ಕಟ್ಟಿಸಿಕೊಂಡು ಮಂಚದ ಮೇಲೆ ದಿಂಬಿಗೆ ಒರಗಿದ್ದರು. ಇನ್ನೊಂದು ಕಣ್ಣೂ ಅಷ್ಟಕ್ಕಷ್ಟೇ. ಬಗ್ಗಬಾರದು, ಕೆಮ್ಮಬಾರದು, ಸುಮ್ಮನೆ ಇರಬೇಕು ಎಂದು ಡಾಕ್ಟರರ ಅಪ್ಪಣೆ. ಕುಶಲ ಕೇಳಿ ಮುಗಿಯಿತು, ಬಾಳೆಹಣ್ಣು ತಿಂದದ್ದಾಯಿತು. ಸುಂದ್ರವ್ವನೇ ಕೇಳಿದರು: "ಆಟ ಎಲ್ಲಿಗೆ ಬಂದೈತಿ?"

ರಾಜಮತಿ ಆಕೆಯ ತೊಡೆಯ ಮೇಲೆ ಹಾಸು ಬಿಚ್ಚಿದಳು. ಸುಂದ್ರವ್ವ ಅಂಗೈ ಸವರಿ ನೋಡಿದರು. ಬೆರಳಿಗೆ ಖಣದ ಒರಟು ತಾಗಿದ್ದೇ "ಇದು ನಂದು" ಎಂದರು. ಒಂದೊಂದು ಬಟನ್ ಮುಟ್ಟಿ ಮನೆ ಎಣಿಸಿದರು. ದಾಳದ ಕುಳಿಗಳನ್ನು ಹೆಬ್ಬೆರಳಿನಿಂದ ತಡವಿ "ಮೂರು" ಎಂದರು. ಮೂರೇ ಇತ್ತು. ಚಟಕ್ಕನೆ ಕಾಯಿ ಕಿತ್ತು ಚಟಕ್ಕನೆ ಕೂಡಿಸಿದರು. ರಾಜಮತಿ ಬಾಯಿ ತೆರೆದು ನೋಡಿದಳು. ಇಷ್ಟು ಬೇಗ ಆಕೆ ಎಂದೂ ಆಡಿರಲಿಲ್ಲ.

ಅಲ್ಲಿ ನಳದ ನೀರಿಲ್ಲ, ಬೀಗರಿಲ್ಲ, ಒಲೆ ಇಲ್ಲ. ಪಾಳಿಯ ಮೇಲೆ ಪಾಳಿ ನಡೆಯಿತು. ಸುಂದ್ರವ್ವನ ಕೊನೆಯ ಕಾಯಿ ಒಳದಾರಿಗೆ ಹೊರಳಲು ಇನ್ನು ನಾಲ್ಕೇ ಮನೆ ಇದ್ದಾಗ ಶಿವಗಂಗವ್ವನಿಗೆ ಐದು ಬಿತ್ತು. ಅವಳ ಕಾಯಿ ಸರಿಯಾಗಿ ಐದು ಮನೆ ಹಿಂದಿತ್ತು. ಅವಳು ಅತ್ತೆಯ ಮುಖ ನೋಡಿದಳು. ಪಟ್ಟಿ ಕಟ್ಟಿದ ಮುಖವಾದ್ದರಿಂದ ನೆಟ್ಟಗೆ ನೋಡಲು ಅಡ್ಡಿಯಿರಲಿಲ್ಲ. ಖಣದ ಕಾಯಿಯನ್ನು ಕಿತ್ತು ತೆಗೆದಳು.

ಸುಂದ್ರವ್ವನ ಬೆರಳು ಆ ಮನೆಯನ್ನು ತಡಕಾಡಿತು.

"ಯಾರ ಕಡದ್ರು?"

"ನಾನ್ರಿ, ಅತ್ತಿ."

"ಎರಡ ವರ್ಷ ಆತು, ನೀ ಬಿಟ್ಟ ಬಿಟ್ಟ ಆಡೂದು ನನಗ ತಿಳಿಯೂದಿಲ್ಲ ಅನಕೊಂಡಿಯೇನ? ನಾ ಏನ ಸಣ್ಣ ಕೂಸ? ಆಡಿದ್ರ ನೆಟ್ಟಗ ಆಡಬೇಕು." ಹೇಳಿ, ಕಡಿಸಿಕೊಂಡ ಕಾಯಿಗಾಗಿ ಕೈ ಚಾಚಿದರು. "ತಾ ಇಲ್ಲಿ. ಮೊದಲಿಂದ ನಡಸ್ತೀನಿ."

ಶಿವಗಂಗವ್ವ ಸೆರಗು ಬಾಯಿಗೊತ್ತಿಕೊಂಡು ನಕ್ಕಳು. ಆಮೇಲೆ ಇನ್ನೊಂದು ಸಲವೂ ಕಡಿದಳು.

ಮೂರೂವರೆಗೆ ಆಟ ಮುಗಿಯಿತು. ಗೆದ್ದವಳು ಕಸ್ತೂರೆವ್ವ. ಕೊನೆಗೆ ಬೇಕಾಗಿದ್ದ ಎರಡು, ದಾಳ ಮಂಚದ ಕೆಳಗೆ ಉರುಳಿದಾಗ ಬಿದ್ದಿತ್ತು. ಬಗ್ಗಿ ನೋಡಿದವಳೂ ಅವಳೇ, ಎರಡು ಎಂದವಳೂ ಅವಳೇ. ಇಷ್ಟು ದಿನದ ಪಾಡೆಲ್ಲ ಪಟ್ಟು, ತಿಂಗಳಿಡೀ ಸೂಜಿ ಚುಚ್ಚಿಸಿಕೊಂಡು ಗೆಲ್ಲಿಸಿದ್ದು ಇವಳನ್ನೇ ಎಂದು ರಾಜಮತಿ ರೈಲಿನಲ್ಲಿ ಕುಡಚಿಯವರೆಗೂ ಮುಖ ಊದಿಸಿಕೊಂಡು ಕೂತಳು. ಕಸ್ತೂರೆವ್ವ ದಾರಿಯುದ್ದಕ್ಕೂ ಆಟದ ಮಾತೇ ಆಡಿದಳು.

ಸುಂದ್ರವ್ವನ ಪಕ್ಕದ ಮಂಚದಲ್ಲಿ ಅಲಖನೂರಿನ ಒಬ್ಬ ಹೆಂಗಸಿದ್ದಳು. ಹದಿನೈದು ದಿನಕ್ಕೆ ಅವಳು ಹಾರೂಗೇರಿಗೆ ಬಂದು ಅಂಥದೇ ಹಾಸು ಹೊಲಿದು ಕೊಡಲು ಕೇಳಿದಳು. ಅವಳಿಂದ ಅವಳ ತಂಗಿಗೆ, ತಂಗಿಯಿಂದ ಕರೋಶಿಯ ಬೀಗರಿಗೆ ಸುದ್ದಿ ಹೋಯಿತು. ನಾಲ್ಕೈದು ವರ್ಷದಲ್ಲಿ ರಾಜಮತಿ ಮೂವತ್ತಕ್ಕೂ ಹೆಚ್ಚು ಹಾಸು ಹೊಲಿದಳು. ಉಳಿದ ಮೊಳೆಗಳಿಂದ ಒಂದು ದೊಡ್ಡ ಡಬ್ಬಿ ತುಂಬಿತು.

ಲಕ್ಷ್ಮಿಬಾಯಿ ಕೊನೆಯವರೆಗೂ ಆಟಕ್ಕೆ ಕೂರಲಿಲ್ಲ. ಗುರುವಾರ ಬಾಗಿಲ ಹತ್ತಿರ ಶೇಂಗಾ ಸುಲಿಯುತ್ತ ಕೂತು, ನಾಲ್ಕಾಗಲು ಹತ್ತು ನಿಮಿಷ ಇದ್ದಾಗಲೇ "ನಾಕ ಆತು" ಎನ್ನುತ್ತಿದ್ದರು.

೧೯೯೫ರ ಹೊತ್ತಿಗೆ ಪಡಸಾಲೆಯಲ್ಲಿ ಮೂರು ಹಾಸು ಬೀಳುತ್ತಿದ್ದವು. ಹೊಸಬರು ಬಂದರೆ ನಿಯಮ ಹೇಳಿಕೊಡುವ ಕೆಲಸ ರಾಜಮತಿಯದು. ದಾಳ ಕೆಳಗೆ ಬಿದ್ದರೆ ಹಿಡಿಯುವುದಿಲ್ಲ ಎಂಬುದನ್ನು ಕಸ್ತೂರೆವ್ವನ ಕಡೆ ನೋಡುತ್ತ ಎರಡು ಸಲ ಹೇಳುತ್ತಿದ್ದಳು. ಆರು ಬಿದ್ದರೆ ಮಾತ್ರ ಕಾಯಿ ಹೊರಗೆ ಎಂದು ಬಿಡಿಸಿ ಬಿಡಿಸಿ ಹೇಳಿ, ಉಸಿರು ಎಳೆದುಕೊಳ್ಳುವಷ್ಟರಲ್ಲಿ ಹೊಸಬಳೊಬ್ಬಳು ಕೇಳುವಳು: "ಅಕ್ಕಾರ, ಒಂದ ಬಿದ್ರೂ ಕಾಯಿ ಹೊರಗ ಬರತೈತೇನ್ರಿ?"

ರಾಜಮತಿ ಹಣೆ ಒತ್ತಿಕೊಂಡು, ದಾಳವನ್ನು ಅವಳ ಕೈಯಲ್ಲಿಟ್ಟು, ಮತ್ತೆ ಮೊದಲಿನಿಂದ ಹೇಳಲು ಶುರುಮಾಡುವಳು.