ಪಂಕ್ತಿಯಲ್ಲಿ ಕೂತ ಫೋಟೋದವರು

ಮೊನ್ನೆ ಮಗಳ ಮದುವೆಯ ಫೋಟೋದ ಮಾತುಕತೆಗೆಂದು ಕುಮಟೆಯ ಸ್ಟುಡಿಯೋವೊಂದಕ್ಕೆ ಹೋಗಿದ್ದೆ. ಜೊತೆಗೆ ಮಗಳು, ನನ್ನ ಅಕ್ಕ. ಫೋಟೋಗ್ರಾಫರ್ ನಮ್ಮ ಮುಂದೆ ಸರಿಸಿದ ಕರಾರಿನಲ್ಲಿ ಒಂದು ಸಾಲು ಓದಿ ನನ್ನ ಕನ್ನಡಕ ಮೂಗಿನ ತುದಿಗೆ ಬಂತು. ‘ಬೆಳಿಗ್ಗೆ ಏಳರಿಂದ ಮಧ್ಯಾಹ್ನ ಮೂರರವರೆಗೆ, ಒಟ್ಟು ಎಂಟು ತಾಸು.’

ನೀವೇ ಹೇಳಿ, ನಮ್ಮ ಕಡೆಯ ಯಾವ ಮದುವೆಮನೆ ಗಡಿಯಾರ ನೋಡಿಕೊಂಡು ನಡೆದಿದೆ? ಮುಹೂರ್ತವೊಂದನ್ನು ಬಿಟ್ಟರೆ ಉಳಿದದ್ದೆಲ್ಲ ‘ಈಗ ಬಂದ್ರು’, ‘ಇನ್ನೊಂದ್ ಚೂರು’ ಎನ್ನುವ ಲೆಕ್ಕದಲ್ಲೇ ಸಾಗುವುದು. ನಾನಂತೂ ನನ್ನ ಮದುವೆಗೇ ತಡವಾಗಿ ಹೋದವನು. ದಿಬ್ಬಣದ ಟೆಂಪೋ ಹೊನ್ನಾವರದ ಸೇತುವೆಯ ಮೇಲೆ ಕೈಕೊಟ್ಟಿತು ಎಂದು ಈಗಲೂ ಹೇಳುತ್ತೇನೆ. ನಿಜವಾಗಿ ಪೇಟ ಕಟ್ಟಿಸಿಕೊಳ್ಳುವುದರಲ್ಲೇ ಹೊತ್ತು ಕಳೆದಿತ್ತು.

“ಹೆಣ್ಣು ಒಪ್ಪಿಸಿ ಕೊಡೂದು ಸಂಜೆ ನಾಲ್ಕರ ಮೇಲೆ. ಅದರ ಫೋಟೋ ಎಂತ ಮಾಡೂದು?” ಎಂದು ಕೇಳಿದೆ.

“ಮೂರಕ್ಕೆ ನಾ ಹೊರಡಬೇಕು ಸರ್. ಸಂಜೆ ಭಟ್ಕಳದಲ್ಲಿ ಒಂದು ರಿಸೆಪ್ಶನ್ ಒಪ್ಕಂಡಾಗಿದೆ. ಬೇಕಾದ್ರೆ ಬೆಳಿಗ್ಗೆ ಎರಡು ತಾಸು ತಡ ಮಾಡಿ ಶುರು ಮಾಡುವಾ. ಆಗ ಐದರವರೆಗೆ ಇರ್ತೆ, ಭಟ್ಕಳಕ್ಕೆ ನನ್ನ ತಮ್ಮನನ್ನ ಮುಂದೆ ಕಳಿಸ್ತೆ.”

ಮಗಳ ಮುಖ ಸಣ್ಣದಾಯಿತು. ಬೆಳಗಿನ ಆ ಎರಡು ತಾಸೇ ಅವಳಿಗೆ ಬೇಕಾದದ್ದು. ಮೇಕಪ್ಪು, ಜಡೆಗೆ ಹೂ ಮುಡಿಸುವುದು, ಗೆಳತಿಯರೊಡನೆ ಕನ್ನಡಿಯ ಮುಂದೆ ನಗುವುದು, ಇವೆಲ್ಲ ಫೋಟೋದಲ್ಲಿ ಬರಬೇಕೆಂದು ವಾರದಿಂದ ಮನೆಯಲ್ಲಿ ಹಟ ಹಿಡಿದಿದ್ದಳು. “ಅಳೂ ಫೋಟೋ ಯಾರಿಗೆ ಬೇಕು ಅಪ್ಪಾ?” ಎಂದಳು. ಅದಕ್ಕೆ ಉತ್ತರವಾಗಿ ನಾನು ನಮ್ಮ ಮನೆಯ ಹಳೆಯ ಕತೆಯನ್ನು ತೆಗೆದೆ. ಉತ್ತರ ಹೊಳೆಯದಾಗ ಕತೆ ಹೇಳುವುದು ನನ್ನ ಚಾಳಿ.

ಬಾಡ ಎಂಬ ಊರಿನ ನಮ್ಮ ಮನೆಯಂಗಳದಲ್ಲಿ ಅಕ್ಕನ ಮದುವೆ. ಕುಮಟೆಯಿಂದ ಮೊದಲ ಬಸ್ಸಿಗೆ ಫೋಟೋದವರು ಬಂದಿಳಿದರು. ಕರಾರು ಇತ್ಯಾದಿ ಏನೂ ಇಲ್ಲ. “ಬನ್ನಿ, ಮದುವೆ ಮುಗಿಸ್ಕಂಡೇ ಹೋಗಿ” ಎಂದು ಅಪ್ಪ ಹೇಳಿದ್ದೇ ಕರಾರು. ಭಟ್ಟರನ್ನು ಬಿಟ್ಟರೆ ಅಂದು ಹೆಚ್ಚಿನ ಮರ್ಯಾದೆ ಅವರಿಗೇ. ಗುಂಡಿ ಒತ್ತುವ ಮೊದಲು ಅವರು “ಉಸಿರು ಹಿಡೀರಿ” ಎನ್ನುತ್ತಿದ್ದರು. ಹಾಗಾಗಿ ಆ ಆಲ್ಬಮ್ಮಿನಲ್ಲಿ ನಮ್ಮ ನೆಂಟರಿಷ್ಟರೆಲ್ಲ ಕೆನ್ನೆ ಉಬ್ಬಿಸಿಕೊಂಡು ನಿಂತಿದ್ದಾರೆ, ಸೋದರಮಾವನಂತೂ ಕಣ್ಣನ್ನೂ ಬಿಟ್ಟಿದ್ದಾನೆ.

ಅಮ್ಮ ಮಾತ್ರ ಅದರಲ್ಲಿ ಎಲ್ಲೂ ಇಲ್ಲ. ಹಿಂದಿನ ದಿನದಿಂದ ಅವಳು ಹಿತ್ತಿಲ ಒಲೆಯ ಹತ್ತಿರವೇ ಇದ್ದಳು. ಧಾರೆ ಎರೆದದ್ದು ಮನೆಗೆ ಹಿರಿಯರಾದ ದೊಡ್ಡಪ್ಪ, ದೊಡ್ಡಮ್ಮ. ಮಗಳ ಕೈಯನ್ನು ಅವಳ ಅತ್ತೆಯ ಕೈಯಲ್ಲಿಟ್ಟು ಒಪ್ಪಿಸಿ ಕೊಡುವುದೊಂದೇ ಅಮ್ಮನ ಪಾಲಿಗೆ ಬಂದ ಶಾಸ್ತ್ರ.

ಗಂಡಿನ ಕಡೆಯವರು ಅಘನಾಶಿನಿ ಹೊಳೆಯ ಆಚೆಯವರು, ದೋಣಿಯಲ್ಲಿ ಬಂದವರು. ಅವರದೆಲ್ಲ ಊಟವಾದ ಮೇಲೆ, ಹಸಿದಿದ್ದ ಫೋಟೋದವರನ್ನು ಅಪ್ಪ ಕೈಹಿಡಿದು ಕೊನೆಯ ಪಂಕ್ತಿಯಲ್ಲಿ ಕೂರಿಸಿದ. ಅನ್ನಕ್ಕೆ ಸಾರು ಬೀಳುವಷ್ಟರಲ್ಲಿ ದೋಣಿಯವನು ಏದುಸಿರು ಬಿಡುತ್ತ ಬಂದು, “ಭರತಿ ನೀರು ಇಳೀತಾ ಇದೆ. ಈಗ ಹೊರಡದಿದ್ರೆ ದೋಣಿ ಕೆಸರಲ್ಲೇ ಕೂತ್ಕಂತದೆ” ಎಂದ. ಹೊಳೆಯ ನೀರಿಗೆ ಎದುರಾಡುವವರು ಯಾರು? ಸಂಜೆ ಆಗಬೇಕಿದ್ದ ಒಪ್ಪಿಸಿ ಕೊಡುವ ಶಾಸ್ತ್ರವನ್ನು ಗಡಿಬಿಡಿಯಲ್ಲಿ ಆಗಲೇ ಶುರುಮಾಡಿದರು.

ಹೆಂಗಸರ ಅಳು ಕೇಳಿ ಫೋಟೋದವರು ಏಳಲು ಹೋದರು. ಪಕ್ಕದಲ್ಲಿ ಕೂತ ದೊಡ್ಡಪ್ಪ ಅವರ ಹೆಗಲನ್ನು ಎಡಗೈಯಲ್ಲಿ ಒತ್ತಿ ಕೂರಿಸಿದ. “ಪಂಕ್ತಿ ಮಧ್ಯ ಏಳೂದು ಅಂದ್ರೆ ಎಂತ? ಪಾಯಸ ಬರ್ಲಿ, ಉಣ್ಣಿ.” ನಮ್ಮಲ್ಲಿ ಎಲ್ಲರ ಊಟ ಮುಗಿಯದೆ ಎಲೆ ಬಿಟ್ಟು ಏಳುವಂತಿಲ್ಲ; ಎದ್ದರೆ ಪಕ್ಕದಲ್ಲಿ ಉಣ್ಣುತ್ತಿರುವವರಿಗೆ ಅವಮಾನ. ಪಾಪ, ಅವರು ಕೂತರು. ಪಾಯಸ ಬಂತು, ಬೇಡವೆಂದರೂ ಮತ್ತೊಮ್ಮೆ ಬಂತು. ಕೈತೊಳೆದು ಕ್ಯಾಮೆರಾ ಹಿಡಿದು ಓಡಿಬರುವಾಗ ದಿಬ್ಬಣ ತೆಂಗಿನ ತೋಟದ ತಿರುವು ದಾಟಿತ್ತು. ಬಂದದ್ದು ದಂಡವಾಗಬಾರದೆಂದು ಖಾಲಿ ಅಂಗಳದ ಒಂದು ಫೋಟೋ ತೆಗೆದರು. ಅದರಲ್ಲಿ ಅಪ್ಪನ ಬೆನ್ನಿದೆ, ಪಕ್ಕದ ಮನೆಯ ಕೋಳಿ ಇದೆ.

ದೊಡ್ಡಪ್ಪನ ದನಿಯಲ್ಲಿ “ಉಣ್ಣಿ” ಎಂದು ಹೇಳಿ ಕತೆ ಮುಗಿಸಿದೆ. ಫೋಟೋಗ್ರಾಫರ್ ಜೋರಾಗಿ ನಕ್ಕ. ಎಷ್ಟೋ ಸಲ ಕೇಳಿದ್ದ ಮಗಳೂ ನಕ್ಕಳು. ನಗಿಸಿದ ಹುರುಪಿನಲ್ಲಿ ನಾನು ಅಕ್ಕನ ಕಡೆ ತಿರುಗಿದೆ. ಅಕ್ಕ ನಗುತ್ತಿರಲಿಲ್ಲ.

“ತಮಾ,” ಎಂದಳು ಅವಳು, ನನಗಲ್ಲ, ಫೋಟೋಗ್ರಾಫರನಿಗೆ. “ನನ್ನ ಕೈ ಒಪ್ಪಿಸುವಾಗ ಅಮ್ಮನ ಮುಖ ಹೆಂಗಿತ್ತು ಅಂತ ನಂಗೆ ಗೊತ್ತಿಲ್ಲ. ಮದುಮಗಳು ತಲೆ ಎತ್ತೂಕಾಗ ಅಂತ ದೊಡ್ಡಮ್ಮ ಹೇಳಿದ್ದಳು. ನಾ ತಲೆ ತಗ್ಸಿ ಅವಳ ಕೈ ಒಂದೇ ನೋಡ್ದೆ. ಬೆರಳಿಗೆಲ್ಲ ಮಸಿ ಆಗಿತ್ತು. ಮುಖ ಆಮೇಲೆ ಫೋಟೋದಲ್ಲಿ ನೋಡದ್ರಾತು ಅಂದ್ಕಂಡೆ.”

ಅಮ್ಮ ತೀರಿಕೊಂಡು ವರ್ಷಗಳಾದವು. ಈ ಕತೆಯನ್ನು ನಾನು ಅಕ್ಕನ ಎದುರಿಗೇ, ಅವಳು ಕೊಟ್ಟ ಚಹಾ ಕುಡಿಯುತ್ತ ಹೇಳಿ ನಗಿಸಿದ್ದೇನೆ. ಆಲ್ಬಮ್ ಬಂದ ದಿನ ಅವಳು ಹಾಳೆಗಳನ್ನು ಮುಂದೆ ಹಿಂದೆ ತಿರುವುತ್ತ ಹುಡುಕಿದ್ದು ಏನೆಂದು ಈಗ ತಿಳಿಯಿತು.

ಮಗಳು ನನ್ನ ಕೈಯಿಂದ ಪೆನ್ನು ತೆಗೆದುಕೊಂಡು ಕರಾರಿನಲ್ಲಿದ್ದ ಏಳನ್ನು ಒಂಬತ್ತು ಮಾಡಿದಳು, ಮೂರನ್ನು ಐದು ಮಾಡಿದಳು. ಆಮೇಲೆ ಅಕ್ಕನ ಕೈ ಹಿಡಿದುಕೊಂಡಳು.

“ಅತ್ತೆ, ಫೋಟೋ ಬರ್ಲಿ, ಬರದೇ ಇರ್ಲಿ. ನಾ ಮಾತ್ರ ತಲೆ ತಗ್ಸೂದಿಲ್ಲ. ನನ್ನ ಅಮ್ಮನ ಮುಖ ನೋಡ್ಕಂಡೇ ಹೋಗ್ತೆ.”

“ಆತು ಮಗಾ,” ಎಂದಳು ಅಕ್ಕ. “ಕಣ್ತುಂಬ ನೋಡು.”