ಸುಂದರಾಬಾಯಿ ಬಿಟ್ಟುಕೊಟ್ಟ ಹೆಸರು

ಸಂಕೇಶ್ವರದ ಪೇಟೆಯಲ್ಲಿ ನನ್ನ ಕಂಪ್ಯೂಟರ್ ಸೆಂಟರಿಗೂ ಪಾಯಪ್ಪ ಕಾಕಾ ಅವರ ಭಾಂಡೆ ಅಂಗಡಿಗೂ ನಡುವೆ ಇದ್ದದ್ದು ಒಂದೇ ಗೋಡೆ. ಆ ಕಡೆ ಸ್ಟೀಲಿನ ಕೊಡ, ಹಿತ್ತಾಳೆಯ ತಂಬಿಗೆ, ಮದುವೆಗೆ ಕೊಡುವ ಡಬರಿ, ತಾಟು. ಈ ಕಡೆ ನನ್ನ ಐದು ಕಂಪ್ಯೂಟರು, ಒಂದು ಝೆರಾಕ್ಸ್ ಮಶಿನ್. ಅಲ್ಲಿ ಒಂದು ತಾಟು ಕೈಜಾರಿ ಬಿದ್ದರೆ ಇಲ್ಲಿ ನನ್ನ ಎದೆ ಧಸಕ್ಕೆನ್ನುತ್ತಿತ್ತು.

ಬೋರ್ಡಿನ ಮೇಲೆ ಕಾಕಾ ಅವರ ಹೆಸರಿದ್ದರೂ ಅಂಗಡಿ ನಡೆಸುತ್ತಿದ್ದವರು ಅವರ ಹೆಂಡತಿ ಸುಂದರಾಬಾಯಿ. ನಾನು ಅವರನ್ನು ಕಾಕು ಎನ್ನುತ್ತಿದ್ದೆ. ಗಿರಾಕಿ ಹೆಚ್ಚು ಜಗ್ಗಾಡಿದರೆ ಮಾತು ಕನ್ನಡದಿಂದ ಮರಾಠಿಗೆ ಜಿಗಿಯುತ್ತಿತ್ತು. ಮರಾಠಿ ಶುರುವಾಯಿತೆಂದರೆ ಇನ್ನು ಒಂದು ರೂಪಾಯಿಯೂ ಇಳಿಯುವುದಿಲ್ಲ ಎಂದು ಪೇಟೆಗೆಲ್ಲ ಗೊತ್ತಿತ್ತು. ಜೈನರ ಮನೆಯವರು; ಸೋಸದ ನೀರು ಕುಡಿಯುವವರಲ್ಲ, ಹೊತ್ತು ಮುಳುಗಿದ ಮೇಲೆ ಬಾಯಿಗೆ ಏನೂ ಹಾಕುವವರಲ್ಲ. ನಮ್ಮ ಮನೆಯ ಚಹಾ ಮಾತ್ರ ಕುಡಿಯುತ್ತಿದ್ದರು, ಅದೂ ಶುಂಠಿ ಹಾಕಿಲ್ಲವೆಂದು ಎರಡು ಸಲ ಕೇಳಿದ ಮೇಲೆ.

ಅವರಿಗೆ ಒಬ್ಬನೇ ಮಗ, ನಿತಿನ; ಮನೆಯಲ್ಲಿ ನಿತ್ಯಾ. ಕೊಲ್ಹಾಪುರದಲ್ಲಿ ಡಿಪ್ಲೊಮಾ ಓದುತ್ತಿದ್ದ ಎಂದು ಹೇಳುವುದು ರೂಢಿ. ನಿಜವಾಗಿ ಅವನು ಮಾಡುತ್ತಿದ್ದದ್ದು ಕಂಪ್ಯೂಟರಿನಲ್ಲಿ ಕೌಂಟರ್ ಸ್ಟ್ರೈಕ್ ಎಂಬ ಬಂದೂಕಿನ ಆಟ ಆಡುವುದು. ಈ ಆಟದ ಹುಡುಗರನ್ನು ಕಂಡರೆ ನನಗೆ ಆಗ ಮೈ ಉರಿಯುತ್ತಿತ್ತು; ಕೀಬೋರ್ಡನ್ನು ಖಾರ ಕುಟ್ಟಿದ ಹಾಗೆ ಕುಟ್ಟುತ್ತಾರೆ. ಆದರೆ ನಿತಿನ ಐದು ಜನರ ಒಂದು ಟೀಮು ಸೇರಿದ. ಕೊಲ್ಹಾಪುರದ ಕಂಪ್ಯೂಟರ್ ಅಂಗಡಿಯೊಂದು ಆ ಟೀಮಿಗೆ ಅಂಗಿ ಹೊಲಿಸಿಕೊಟ್ಟು, ತಿಂಗಳಿಗಿಷ್ಟು ಎಂದು ಪಗಾರವನ್ನೂ ಗೊತ್ತುಮಾಡಿತು. ಆಡಿದ್ದಕ್ಕೆ ಪಗಾರ ಎಂದರೆ ಪೇಟೆಯಲ್ಲಿ ಯಾರು ನಂಬುತ್ತಾರೆ? ಕಾಕು ಮಾತ್ರ ನಂಬಿ, ಬಂದ ಗಿರಾಕಿಗಳಿಗೆಲ್ಲ ಹೇಳಿದರು.

ಎರಡು ಸಾವಿರದ ಆರರ ದೀಪಾವಳಿಗೆ ಬೈಕಿನಲ್ಲಿ ಊರಿಗೆ ಬರುತ್ತಿದ್ದವನು ಹೈವೇದಲ್ಲಿ ಹೋಗಿಬಿಟ್ಟ.

ನಾನು ಕೌಜಲಗಿಯ ಕುರುಬರ ಮನೆಯವಳು. ನಮ್ಮಲ್ಲಿ ಸತ್ತವರು ತಕ್ಷಣ ಹೋಗಿಬಿಡುವುದಿಲ್ಲ. ಕಾಗೆಗೆ ಅನ್ನ ಇಡುತ್ತೇವೆ. ಅದು ಮುಟ್ಟದಿದ್ದರೆ ಏನು ಆಸೆ ಉಳಿಯಿತಪ್ಪಾ ಎಂದು ಕೇಳಿಕೊಳ್ಳುತ್ತೇವೆ, ಮುಟ್ಟಿದರೆ ಅತ್ತು ಹಗುರಾಗುತ್ತೇವೆ. ಅವರ ಜೈನರಲ್ಲಿ ಅದೊಂದೂ ಇಲ್ಲ. ಪಾಯಪ್ಪ ಕಾಕಾ ಅಂತ್ಯಕ್ರಿಯೆಗೆ ಬಂದವರ ಎದುರಿಗೇ ಹೆಂಡತಿಗೆ ಹೇಳಿದರು:

"ಜೀವ ಹೋದ ಗಳಿಗ್ಗೆ ಇನ್ನೊಂದ ತಾಯಿ ಹೊಟ್ಟಿ ಸೇರೇತಿ. ಅಂವ ಈಗ ನಿನ್ನ ಮಗ ಅಲ್ಲ. ಹೆಸರ ಹಿಡಕೊಂಡ ಅಳಬ್ಯಾಡ."

ತಾವೂ ಅಳಲಿಲ್ಲ. ಸೂತಕ ಕಳೆದ ಮರುದಿನವೇ ಅಂಗಡಿಯ ಬಾಗಿಲು ತೆರೆದು ಕುಳಿತರು. ಎಂಥ ಗಟ್ಟಿ ಮನುಷ್ಯನಪ್ಪಾ ಎಂದು ಜನ ಹೊಗಳಿದರು. ನನಗೆ ಮಾತ್ರ ಸಿಟ್ಟು ಬಂದಿತ್ತು. ಅಂದಿನಿಂದ ಕಾಕು ಮರಾಠಿ ಆಡುವುದನ್ನೇ ಬಿಟ್ಟರು. ಗಿರಾಕಿ ಕೇಳಿದ ಬೆಲೆಗೆ ತಾಟು ಕೊಟ್ಟು ಕಳಿಸುತ್ತಿದ್ದರು.

ಮುಂದಿನ ವರ್ಷದ ಆಷಾಢ. ಹಿರಣ್ಯಕೇಶಿ ಕೆಂಪಾಗಿ ತುಂಬಿ ಹರಿಯುತ್ತಿತ್ತು. ಗೋಕಾಕದಲ್ಲಿ ಮಾಲು ನೋಡಿಕೊಂಡು ಬರುತ್ತೇನೆಂದು ಕಾಕಾ ಶುಕ್ರವಾರ ಹೊರಟಿದ್ದರು, ಬರುವುದು ರವಿವಾರ ಸಂಜೆಗೆ. ಶನಿವಾರ ಬೆಳಿಗ್ಗೆ ನಾನು ಕಸ ಗುಡಿಸುತ್ತಿದ್ದಾಗ ಕಾಕು ಬಂದು ಬಾಗಿಲಲ್ಲಿ ನಿಂತರು.

"ಕಸ್ತೂರಿ, ಪುಣೇದಾಗ ಇವತ್ತ, ನಾಳಿ ನಿತ್ಯಾನ ಮ್ಯಾಚ್ ಅದಾವಂತ. ತಗದ ತೋರಸ್ತಿ?"

ಕಸಬರಿಗೆಯನ್ನು ಬದಿಗಿಟ್ಟೆ.

ಕೂರಿಸಿ ವಿಚಾರಿಸಿದೆ. ಟೀಮಿನಲ್ಲಿ ನಿತಿನನ ಜಾಗಕ್ಕೆ ಹುಕ್ಕೇರಿಯ ಪ್ರತೀಕ ಎಂಬ ಹುಡುಗ ಬಂದಿದ್ದ. ಈ ಪಂದ್ಯಗಳಲ್ಲಿ ಅವನು ತನ್ನ ಹೆಸರು ಹಾಕಿಕೊಳ್ಳದೆ ನಿತಿನನ ಹೆಸರಿನಲ್ಲೇ ಆಡುತ್ತಿದ್ದ. ಆಶೀರ್ವಾದ ಮಾಡ್ರಿ ಎಂದು ಹಿಂದಿನ ದಿನ ಕಾಕುಗೆ ಫೋನ್ ಮಾಡಿದ್ದನಂತೆ. ಅದನ್ನು ಹೇಳುವಾಗ ಕಾಕುವಿನ ಮುಖ ಎಷ್ಟೋ ತಿಂಗಳ ಮೇಲೆ ಸ್ವಲ್ಪ ಬಿಚ್ಚಿಕೊಂಡಿತ್ತು. ನನಗೆ ಇಲ್ಲ ಎನ್ನಲಾಗಲಿಲ್ಲ.

ಆಗ ಆಟವನ್ನೇ ನೋಡುವಷ್ಟು ಜೋರಾದ ಇಂಟರ್ನೆಟ್ ನಮ್ಮಲ್ಲೆಲ್ಲಿತ್ತು? ಒಂದು ಪುಟದಲ್ಲಿ ಸಾಲುಸಾಲಾಗಿ ಬರಹ ಬರುತ್ತಿತ್ತು. ಎಡಕ್ಕೊಂದು ಹೆಸರು, ನಡುವೆ ಬಂದೂಕಿನ ಸಣ್ಣ ಚಿತ್ರ, ಬಲಕ್ಕೊಂದು ಹೆಸರು. ಎಡದವನು ಕೊಂದ, ಬಲದವನು ಸತ್ತ. ರಿಫ್ರೆಶ್ ಒತ್ತಿದರೆ ಹೊಸ ಸಾಲುಗಳು ಬರುತ್ತಿದ್ದವು. ಕಾಕುಗೆ ಇಂಗ್ಲಿಷ್ ಬರುತ್ತಿರಲಿಲ್ಲ. ನಿತಿನ ಎಂದು ಬರೆದದ್ದು ಯಾವುದೆಂದು ಬೆರಳಿಟ್ಟು ತೋರಿಸಿದೆ. ಒಂದು ಸಲ ನೋಡಿದರು, ಆಮೇಲೆ ಕೇಳುವ ಪ್ರಸಂಗವೇ ಬರಲಿಲ್ಲ.

"ಇದ್ಯಾಕ ಈಗ ಬಲಕ್ಕ ಬಂತು?"

ಸತ್ತ ಎನ್ನಲು ಬಾಯಿ ಬರಲಿಲ್ಲ. "ಔಟ್ ಆದಾ, ಕಾಕು. ಹುತುತು, ಕಬಡ್ಡಿ ಆಡೂ ಮುಂದ ಹುಡುಗೂರು ಔಟಾಗಿ ಹೊರಗ ಕುಂಡ್ರೂದಿಲ್ಲೇನ್ರಿ, ಹಂಗ. ಈ ಸುತ್ತ ಮುಗದ್ರ ಎಲ್ಲಾರೂ ಮತ್ತ ಏಳ್ತಾರ."

"ಮತ್ತ ಏಳ್ತಾನಾ?"

ಸುತ್ತು ಮುಗಿಯಿತು. ಮುಂದಿನ ಸುತ್ತಿನ ಮೊದಲ ಸಾಲಿನಲ್ಲೇ ನಿತಿನನ ಹೆಸರು ಎಡಕ್ಕೆ ಬಂತು. ಕಾಕು ಕೂತಲ್ಲೇ ಸಣ್ಣಗೆ ಚಪ್ಪಾಳೆ ತಟ್ಟಿ, "ಎದ್ದನಲ್ಲವಾ!" ಎಂದರು.

ಗೆದ್ದವರು ಮುಂದಕ್ಕೆ, ಸೋತವರು ಗಂಟುಮೂಟೆ ಕಟ್ಟಿಕೊಂಡು ಊರಿಗೆ. ಈ ನಿಯಮ ಕಾಕುಗೆ ನನಗಿಂತ ಬೇಗ ತಿಳಿಯಿತು. ಗೆಲ್ಲುವ ತನಕ ಹೆಸರು ಪುಟದಲ್ಲಿ ಇರುತ್ತದೆ, ಸೋತರೆ ಇಲ್ಲ. ಆಮೇಲೆ ಎಲ್ಲಿ ಹುಡುಕುವುದು? ಅದಕ್ಕೇ ಅವರು ಅಂಗಡಿಗೆ ಅರ್ಧ ಬಾಗಿಲು ಎಳೆದು ಬಂದು ನನ್ನ ಮೂಲೆಯ ಕಂಪ್ಯೂಟರಿನ ಮುಂದೆ ಗಟ್ಟಿಯಾಗಿ ಕುಳಿತುಬಿಟ್ಟರು. ಶನಿವಾರ ಟೀಮು ಗೆದ್ದಿತು. ಹೊತ್ತು ಮುಳುಗುವ ಮುಂಚೆ ಮನೆಗೆ ಹೋಗಿ, ಬಹಳ ದಿನದ ಮೇಲೆ ಹೊಟ್ಟೆ ತುಂಬ ಉಂಡರಂತೆ.

ರವಿವಾರ ನಾನು ಬೀಗ ತೆಗೆಯುವ ಮುಂಚೆಯೇ ಬಂದು ಕಟ್ಟೆಯ ಮೇಲೆ ಕುಳಿತಿದ್ದರು. ಮಳೆ ಹನಿಯುತ್ತಿತ್ತು.

"ನಿನ್ನಿ ರಾತ್ರಿ ನಮ್ಮ ಬಾಗಲ ಮುಂದ ಗಾಡಿ ನಿಂತ ಸಪ್ಪಳಾತು, ಕಸ್ತೂರಿ. ಬಂದ್ ಮಾಡಿದ ಮ್ಯಾಲೂ ಖೊಕ್ ಖೊಕ್ ಕೆಮ್ಮಿ ಸುಮ್ಮನಾಕ್ಕಿತ್ತಲ್ಲಾ ಅವನ ಬೈಕು, ಹಂಗ. ನಾ ಚಿಲಕಾ ತಗೀಲಿಲ್ಲ."

"ಯಾರರ ಹಾದಿಲೆ ಹೋಗೂ ಮಂದಿ ಇರಬೇಕ್ರಿ," ಎಂದೆ. ಬೀಗ ತೆಗೆದು ಅವರನ್ನು ಒಳಗೆ ಕರೆದೆ. ನಮ್ಮ ಕಡೆಯಾಗಿದ್ದರೆ ಇಷ್ಟು ಹೊತ್ತಿಗೆ ಒಂದು ಎಡೆಯಿಟ್ಟು, ಅತ್ತು, ಮುಗಿಸಿರುತ್ತಿದ್ದೆವು. ಇವರು ಏನು ಮಾಡಬೇಕು? ಉಳಿಯುವುದೇ ಇಲ್ಲ ಎಂದು ಧರ್ಮ ಹೇಳಿದ ಮೇಲೆ, ಉಳಿದು ಬಂದವನನ್ನು ಎಲ್ಲಿ ಕೂರಿಸಬೇಕು? ಹಾಳಾದ್ದು, ನನ್ನ ಸೆಂಟರೇ ಬೇಕಿತ್ತೇ?

ಸೆಮಿಫೈನಲ್ ಮಧ್ಯಾಹ್ನಕ್ಕೆ ಶುರುವಾಯಿತು. ಸೋಲುವ ಹಾಗಾಗಿ, ಸಮವಾಗಿ, ಮತ್ತೆ ಸೋಲುವ ಹಾಗಾಯಿತು. ಕೊನೆಯ ಒಂದು ಸುತ್ತಿನಲ್ಲಿ ನಮ್ಮ ನಾಲ್ವರೂ ಸತ್ತು ನಿತಿನನೊಬ್ಬನೇ ಉಳಿದ. ಎದುರಿಗೆ ಮೂವರು. ನಾನು ರಿಫ್ರೆಶ್ ಒತ್ತಿದೆ. ಎಡಕ್ಕೆ ನಿತಿನ. ಇನ್ನೊಮ್ಮೆ ಒತ್ತಿದೆ. ಮತ್ತೆ ಎಡಕ್ಕೆ ನಿತಿನ. ಮೂರನೆಯವನೂ ಬಿದ್ದ. ಸುತ್ತು ನಮ್ಮದಾಯಿತು, ಅದರ ಹಿಂದೆಯೇ ಪಂದ್ಯವೂ. ಇಷ್ಟು ದಿನ ಬೈಯುತ್ತಿದ್ದ ಆಟಕ್ಕೆ ನಾನೇ ಎದ್ದು ಕುಣಿದೆ, ಸುಳ್ಳೇಕೆ ಹೇಳಲಿ!

ಪುಟದ ಕೆಳಗೆ ನೋಡುವ ಜನ ತಮ್ಮ ತಮ್ಮ ಮಾತು ಬರೆಯುತ್ತಿದ್ದರು. ಕುಣಿಯುವ ಭರದಲ್ಲಿ ಓದಿ ಹೇಳಿದೆ: "ನೋಡ್ರಿ ಕಾಕು, ನಿತಿನ್ ಸಾಯೂದ ಇಲ್ಲ ಅಂತ ಬರದಾರ! ಅವನ್ನ ಹೋಗಾಕ ಬಿಡಬ್ಯಾಡ್ರಿ ಅಂತ ಇನ್ನೊಬ್ಬಂವ ಬರದಾನ!"

ಕಾಕು ನಗಲಿಲ್ಲ. ಬೆರಳಿನ ಗೆಣ್ಣುಗಳ ಮೇಲೆ ಹೆಬ್ಬೆರಳು ಇಟ್ಟುಕೊಂಡು ಏನೋ ಎಣಿಸತೊಡಗಿದರು. ದೀಪಾವಳಿಯಿಂದ ಹಿಡಿದು ಆಷಾಢದ ತನಕ ಬಂದು ಬೆರಳು ನಿಂತಿತು.

"ಒಂಬತ್ತ ತಿಂಗಳ ತುಂಬಿದುವಲ್ಲವಾ," ಎಂದರು.

"ಏನ್ರಿ ಕಾಕು?"

"ಅಂವ ಹೋದ ಗಳಿಗ್ಗೆ ಯಾವ ತಾಯಿ ಹೊಟ್ಟಿ ಸೇರ್ಯಾನೋ, ಆಕಿಗಿ ಇವತ್ತೋ ನಾಳೆಯೋ ದಿನ. ಅಲ್ಲೆ ಆಕಿ ಬ್ಯಾನಿ ತಿಂದು ಒದರಾಕತ್ತಿರತಾಳ. ಇಲ್ಲೆ ನಾ ಇವನ ಹೆಸರ ಹಿಡದ ಜಗ್ಗಿಕೊಂಡ ಕುಂತೇನಿ. ಎದ್ದಾ, ಎದ್ದಾ ಅಂತ ಚಪ್ಪಾಳಿ ಬ್ಯಾರೆ ಬಡದೆ. ಅಂವ ಹುಟ್ಟೂದ ಹೆಂಗವಾ?"

ಹೆಸರಿಗೂ ಹುಟ್ಟಿಗೂ ಸಂಬಂಧವಿಲ್ಲ ಎಂದು ಅವರ ಬಸದಿಯ ಪಂಡಿತರಾದರೂ ಹೇಳುತ್ತಿದ್ದರೇನೋ. ಆದರೆ ಹೆತ್ತವಳ ಆ ಲೆಕ್ಕದ ಎದುರಿಗೆ ನಾನು ಯಾವ ಬಾಯಿಂದ ವಾದಿಸಲಿ? ಅವರು ಹೇಳಿದ ಹಾಗೆ ಪ್ರತೀಕನಿಗೆ ಫೋನ್ ಹಚ್ಚಿ, ಸ್ಪೀಕರ್ ಹಾಕಿ ಮೇಜಿನ ಮೇಲಿಟ್ಟೆ.

"ಪ್ರತೀಕ ಬಾಳಾ, ಛಲೋ ಆಡಿದಿ. ಫೈನಲ್ ನಿನ್ನ ಹೆಸರಿನ್ಯಾಗ ಆಡು. ನಿತ್ಯಾನ ಹೆಸರ ತಗದಬಿಡು."

ಆ ಕಡೆ ಗದ್ದಲವೋ ಗದ್ದಲ. ಹುಡುಗ ತುಸು ತಡವರಿಸಿದ.

"ಕಾಕು, ಹೆಸರ ಇಡು ಅಂತ ಹೇಳಿದವರ ಕಾಕಾ ಅದಾರ. ನಿಮಗ ಹೇಳಬ್ಯಾಡ ಅಂದಿದ್ರು. ಗೋಕಾಕದಾಗ ಒಂದ ಕೆಫೆದಾಗ ಕುಂತ ಎರಡೂ ದಿನಾ ನೋಡಾಕತ್ತಾರ. ಈಗರ ಫೋನ್ ಮಾಡಿದ್ರು. ನಮ್ಮ ನಿತ್ಯಾ ಛಲೋ ಆಡಿದಾ ಅಂದ್ರು."

ನಾನು ಕಾಕುವಿನ ಮುಖ ನೋಡುವ ಧೈರ್ಯ ಮಾಡಲಿಲ್ಲ. ಎಲ್ಲರೆದುರು ಹೆಸರು ಹಿಡಿದು ಅಳಬೇಡ ಎಂದು ಹೆಂಡತಿಯ ಬಾಯಿ ಮುಚ್ಚಿಸಿದ ಮನುಷ್ಯ, ಮಾಲಿನ ನೆಪ ಹೇಳಿ ಪರ ಊರಿನಲ್ಲಿ ಅದೇ ಹೆಸರನ್ನು ಕದ್ದು ನೋಡುತ್ತ ಕೂತಿದ್ದರು. ನನ್ನ ಸಿಟ್ಟು ಎಲ್ಲಿ ಹೋಯಿತೋ. ಹೆಸರು ತೆಗೆಸಿದರೆ ಅದು ಗಂಡನ ಕೈಯಿಂದಲೂ ಹೋಗುತ್ತದೆ. ಇಟ್ಟರೆ ಅಲ್ಲೆಲ್ಲೋ ಒಂದು ಕೂಸು ಉಸಿರು ಹಿಡಿದುಕೊಂಡು ಬಾಗಿಲಲ್ಲಿ ನಿಂತಿರುತ್ತದೆ.

ಕಾಕು ಸೆರಗಿನಿಂದ ಬಾಯಿ ಒತ್ತಿಕೊಂಡರು, ಆಮೇಲೆ ಸೆರಗು ತೆಗೆದರು.

"ಹೇಳಿರಲಿ. ಹಡದಾಕಿ ನಾ ಕೇಳಾಕತ್ತೇನಿ, ಬಾಳಾ. ತಗಿ."

ಫೈನಲ್ ತಡವಾಗಿ, ಸಂಜೆಯ ಹೊತ್ತಿಗೆ ಶುರುವಾಯಿತು. ಮೊದಲು ಹಳೆಯ ಹೆಸರುಗಳೇ ಬಂದವು, ನಿತಿನನೂ ಇದ್ದ. ಪ್ರತೀಕ ಮರೆತನೇ ಎಂದುಕೊಳ್ಳುವಷ್ಟರಲ್ಲಿ ಒಂದು ಹೊಸ ಸಾಲು ಬಂತು. ಕಾಕು ನನ್ನ ಕಡೆ ತಿರುಗಿದರು. ನಾನು ಓದಲೇಬೇಕಾಯಿತು.

"ನಿತಿನ್ ಆಟ ಬಿಟ್ಟ ಹೋದಾ ಅಂತ ಐತ್ರಿ."

"ಹೋದಾ?"

"ಹೋದಾ ಕಾಕು."

ಅದರ ಕೆಳಗಿನ ಸಾಲಿನಲ್ಲಿ ಪ್ರತೀಕ ಸೇರಿದ ಎಂದಿತ್ತು. ಅದನ್ನು ಅವರು ಕೇಳಲಿಲ್ಲ. ಕೈಜೋಡಿಸಿ, ತುಟಿ ಅಲ್ಲಾಡದ ಹಾಗೆ ಮಂತ್ರ ಹೇಳಿಕೊಂಡರು. ಹೊರಗೆ ಮಳೆ ಜೋರಾಯಿತು.

ಅದೇ ಹೊತ್ತಿಗೆ ಪಾಯಪ್ಪ ಕಾಕಾ ಬಂದರು. ಬಸ್ ಸ್ಟ್ಯಾಂಡಿನಿಂದ ಓಡಿಬಂದಿರಬೇಕು, ಕೊಡೆ ಇದ್ದೂ ಬಿಚ್ಚಿರಲಿಲ್ಲ, ಟೋಪಿಯಿಂದ ನೀರು ಸೋರುತ್ತಿತ್ತು. ನನ್ನ ಹತ್ತಿರ ಕಂಪ್ಯೂಟರ್ ಕೇಳಲು ಬಂದವರು ಹೆಂಡತಿಯನ್ನು ಕಂಡು ಬಾಗಿಲಲ್ಲೇ ನಿಂತರು. ಅವರ ಮುಂದಿದ್ದ ಪುಟವನ್ನೂ ಕಂಡರು. ಮುಚ್ಚಿಡುವುದಕ್ಕೆ ಏನೂ ಉಳಿದಿರಲಿಲ್ಲ.

"ಗೋಕಾಕದಾಗ ಕರೆಂಟ್ ಹೋತು," ಎಂದರು ಏದುಸಿರು ಬಿಡುತ್ತ. "ನಮ್ಮ ನಿತ್ಯಾ ಇನ್ನೂ ಅದಾನಿಲ್ಲ?"

"ಇಲ್ರಿ."

"ಸೋತರೇನು?"

"ಸೋತಿಲ್ಲ. ನಾನ ಕಳಿಸಿದೆ. ಅಲ್ಲೆ ಆಕಿಗಿ ದಿನಾ ತುಂಬ್ಯಾವ."

ಯಾರಿಗೆ, ಏನು ಎಂದು ಕಾಕಾ ಕೇಳಲಿಲ್ಲ. ಆ ಲೆಕ್ಕ ಅವರಿಗೆ ಗೊತ್ತಿಲ್ಲದ್ದೇನಲ್ಲ.

"ನನಗ ಒಂದ ಮಾತ ಕೇಳಬೇಕಿತ್ತ."

"ಕೇಳಿದ್ರ ಬಿಡತಿದ್ರೇನು?"

ಕಾಕಾ ಇಲ್ಲವೆಂದು ತಲೆಯಾಡಿಸಿದರು. ಕುರ್ಚಿ ಎಳೆದುಕೊಂಡು ಹೆಂಡತಿಯ ಪಕ್ಕ ಕುಳಿತು, ಒದ್ದೆ ಕೈಯನ್ನೇ ಚಾಚಿ ರಿಫ್ರೆಶ್ ಒತ್ತಿದರು. ನಮ್ಮ ಟೀಮಿನ ಐದು ಹೆಸರು ಬಂದವು. ಮೇಲಿಂದ ಕೆಳಕ್ಕೆ ನೋಡಿ, ಮತ್ತೆ ಒತ್ತಿದರು. ಮತ್ತೆ ಅವೇ ಐದು. ಫೈನಲ್ ಯಾರು ಗೆದ್ದರೆಂದು ನನ್ನನ್ನು ಕೇಳಬೇಡಿ. ಅಂಕ ನೋಡುವವರು ಅಲ್ಲಿ ಯಾರೂ ಇರಲಿಲ್ಲ. ಕಾಕಾ ಒತ್ತುತ್ತಲೇ ಇದ್ದರು. ಪುಟ ಪ್ರತಿ ಸಲ ಬೆಳ್ಳಗಾಗಿ ತಿರುಗಿ ತುಂಬಿಕೊಳ್ಳುತ್ತಿತ್ತು, ಪ್ರತಿ ಸಲ ಅವರ ಉಸಿರು ನಿಂತು ಹೊರಡುತ್ತಿತ್ತು.

ಕೊನೆಗೆ ಸುಂದರಾಬಾಯಿ ಗಂಡನ ಕೈಯ ಮೇಲೆ ಕೈಯಿಟ್ಟರು.

"ಸಾಕ್ರಿ," ಎಂದರು. "ಅಂವ ಹುಟ್ಟಲಿ ಬಿಡ್ರಿ."